ಮೂರು ಕಡೆ ಹೊಲಿದ ಬಡಾವಣೆ

ಇಸ್ತ್ರಿ ಅಕ್ಕನಿಗೆ ಆ ಬಡಾವಣೆಯ ಜನರ ಲೆಕ್ಕ ಬಟ್ಟೆಯ ಗಂಟಿನಲ್ಲೇ ಸಿಗುತ್ತಿತ್ತು. ಯಾರ ಮನೆಗೆ ಅಳಿಯ ಬಂದು ವಾರವಾದರೂ ಹೊರಡುವ ಮಾತೆತ್ತಿಲ್ಲ, ಯಾರ ಮಗ ಹಾಸ್ಟೆಲ್ ಬಿಟ್ಟು ಬಂದು ಮನೆಯಲ್ಲೇ ಬಿದ್ದುಕೊಂಡಿದ್ದಾನೆ, ಯಾವ ಬಾಡಿಗೆ ಮನೆಯಲ್ಲಿ ಇಬ್ಬರೇ ಎಂದು ಹೇಳಿ ಐವರು ಮಲಗುತ್ತಿದ್ದಾರೆ, ಗಂಟು ಬಿಚ್ಚಿದರೆ ಎಲ್ಲವೂ ತಿಳಿಯುತ್ತಿತ್ತು. ಒಂದು ಮನೆಯಿಂದ ಯಜಮಾನರ ಅಂಗಿ ಬರುವುದು ನಿಂತುಹೋದರೆ ಅವಳು ಯಾಕೆಂದು ಕೇಳುತ್ತಿರಲಿಲ್ಲ. ಆ ಮನೆಯವರು ಎದುರಾದಾಗ ಸ್ವಲ್ಪ ಮೆತ್ತಗೆ ಮಾತಾಡಿಸುತ್ತಿದ್ದಳು, ಅಷ್ಟೇ. ಒಬ್ಬರ ಗುಟ್ಟನ್ನು ಇನ್ನೊಬ್ಬರಿಗೆ ಹೇಳಿದವಳಲ್ಲ. ಅವಳಿಗೆ ಇನ್ನೊಂದು ಹೆಮ್ಮೆಯೂ ಇತ್ತು. ಗಂಡ ಸತ್ತು ಇಸ್ತ್ರಿ ಗಾಡಿ ತನ್ನ ಕೈಗೆ ಬಂದ ದಿನದಿಂದ ಒಂದೇ ಒಂದು ಬಟ್ಟೆಯನ್ನೂ ಅವಳು ಸುಟ್ಟಿರಲಿಲ್ಲ. ಸುಟ್ಟುಕೊಂಡದ್ದೇನಿದ್ದರೂ ತನ್ನ ಕೈಯನ್ನೇ.

ಬಡಾವಣೆಯೆಂದರೆ ಅದೇನು ಮಹಾ ಊರಲ್ಲ ಬಿಡಿ. ಪಟ್ಟಣ ಮುಗಿಯುವ ಕಡೆ, ಎಡಕ್ಕೆ ರೈಲು ಹಳಿಯ ಏರಿ, ಬಲಕ್ಕೆ ಮೂಗು ಮುಚ್ಚದೆ ನಿಲ್ಲಲಾಗದ ದೊಡ್ಡ ಚರಂಡಿ, ಹಿಂದೆ ಎಂದೋ ಬಾಗಿಲು ಹಾಕಿದ ಮಿಲ್ಲಿನ ಎತ್ತರದ ಗೋಡೆ. ನಡುವೆ ಮೇಲಿನ ಬೀದಿ, ಕೆಳಗಿನ ಬೀದಿ. ಮೇಲಿನ ಬೀದಿಯಲ್ಲಿ ಮಿಲ್ಲಿನ ಕಾಲದವರು, ಕೆಳಗೆ ಆಮೇಲೆ ಬಂದವರು: ಡ್ರೈವರುಗಳು, ನರ್ಸುಗಳು, ಅಂಗಡಿಗಳಲ್ಲಿ ದಿನವಿಡೀ ನಿಂತು ಕಾಲು ಊದಿಸಿಕೊಳ್ಳುವವರು. ಇವರು ಅವರನ್ನು ‘ಆ ಕಡೆಯವರು’ ಎನ್ನುತ್ತಿದ್ದರು, ಅವರೂ ಇವರನ್ನು ಹಾಗೆಯೇ ಕರೆಯುತ್ತಿದ್ದರು. ಇಬ್ಬರ ಕೊಳಚೆಯೂ ಹೋಗಿ ಸೇರುತ್ತಿದ್ದದ್ದು ಅದೇ ಚರಂಡಿಗೆ. ಒಳಗೆ ಬರಲು, ಹೊರಗೆ ಹೋಗಲು ಮುಂದುಗಡೆಗೆ ತಿರುಗುವ ಅದೇ ರೈಲು ಹಳಿಯ ಕೆಳಗಿನ ಸೇತುವೆಯೊಂದೇ ದಾರಿ. ಮೂರು ಕಡೆ ಹೊಲಿದು ಒಂದು ಕಡೆ ಬಿಟ್ಟ ಅಂಗಿಯ ಜೇಬು ಇದು ಎಂದು ಇಸ್ತ್ರಿ ಅಕ್ಕನೇ ಒಮ್ಮೆ ನಗೆಯಾಡಿದ್ದಳು. ಆ ಜೇಬಿನ ಬಾಯಲ್ಲೇ ಅವಳ ಗಾಡಿ. ಅವಳ ಕಣ್ಣು ತಪ್ಪಿಸಿ ಯಾರೂ ಬರುವಂತಿರಲಿಲ್ಲ, ಹೋಗುವಂತಿರಲಿಲ್ಲ. ತಂಗಿ ಬರುವವರೆಗೆ ಇದು ಅವಳಿಗೆ ಖುಷಿಯ ಸಂಗತಿಯೇ ಆಗಿತ್ತು.

ತಂಗಿ ಬಂದದ್ದು ಬೆಳಗಿನ ಮಂಜಿನಲ್ಲಿ, ಹಾಲಿನವನಿಗಿಂತ ಮುಂಚೆ. ಕೈಯಲ್ಲಿ ಚೀಲವಿಲ್ಲ, ಕಾಲಲ್ಲಿ ಚಪ್ಪಲಿಯಿಲ್ಲ. ಚಳಿಗೆ ಕೈಗೆ ಸಿಕ್ಕಿದ್ದನ್ನು ಮೇಲೆ ಹಾಕಿಕೊಂಡು ಮನೆ ಬಿಟ್ಟು ಓಡಿದ್ದಳು. ಅದು ಅವಳ ಗಂಡನ ಫ್ಯಾಕ್ಟರಿಯ ಬೂದು ಬಣ್ಣದ ಶರ್ಟು. ಜೇಬಿನ ಮೇಲೆ ಕೆಂಪು ದಾರದಲ್ಲಿ ಚಕ್ರದ ಗುರುತು. ಬಿಸಿನೀರಿನ ಲೋಟ ಹಿಡಿಯುವಾಗ ತೋಳು ಸರಿದು ಮುಂಗೈ ಕಾಣಿಸಿತು. ಅಲ್ಲೊಂದು ವಾಸಿಯಾದ ಸುಟ್ಟ ಗಾಯ, ಮುಂದೆ ಚೂಪು, ಹಿಂದೆ ಅಗಲ. ಬಾಣಲೆ ತಾಗಿತು ಎಂದಳು ತಂಗಿ. ಹೌದಾ ಎಂದಳು ಅಕ್ಕ. ಬಾಣಲೆಗೆ ಚೂಪು ಮೂತಿ ಎಲ್ಲಿಂದ ಬಂತು ಎಂದು ಕೇಳಬೇಕಿತ್ತು. ಕೇಳಿದರೆ ಉತ್ತರ ಬರುತ್ತದಲ್ಲ, ಅದಕ್ಕೇ ಹೆದರಿ ಸುಮ್ಮನಾದಳು.

ಹಿಂದೊಮ್ಮೆ ತಂಗಿ ಪೊಲೀಸ್ ಠಾಣೆಯ ಮೆಟ್ಟಿಲನ್ನೂ ಹತ್ತಿದ್ದಳಂತೆ. ಅಲ್ಲಿ ಗಂಡನನ್ನು ಕರೆಸಿ, ಇಬ್ಬರನ್ನೂ ಕೂರಿಸಿ ಬುದ್ಧಿ ಹೇಳಿ, ಅವನ ಜೊತೆಗೇ ವಾಪಸು ಕಳಿಸಿಕೊಟ್ಟಿದ್ದರು. ಮನೆಗೆ ಹೋದ ಮೇಲೆ ಏನಾಯಿತೆಂದು ತಂಗಿ ಬಾಯಿ ಬಿಡಲಿಲ್ಲ.

“ಇನ್ನೊಂದ್ಸಲ ಕೈಗೆ ಸಿಕ್ರೆ ನನ್ನನ್ನ ಉಳಿಸಲ್ಲ ಅಕ್ಕ,” ಎಂದಷ್ಟೇ ಹೇಳಿದಳು.

ಎಲ್ಲಿಡುವುದು ಇವಳನ್ನು? ಗಾಡಿಯ ಹಿಂದಿನ ತನ್ನ ಒಂಟಿ ಕೋಣೆಯನ್ನು ಅವನು ಮೊದಲು ಹುಡುಕುತ್ತಾನೆ. ಇಸ್ತ್ರಿ ಅಕ್ಕನಿಗೆ ಹೊಳೆದದ್ದು ಕೆಳಗಿನ ಬೀದಿಯ ಕೊನೆಮನೆ. ಅದರಲ್ಲಿದ್ದ ನಿವೃತ್ತ ಮೇಷ್ಟ್ರು ಹೆಂಡತಿಯನ್ನು ಕರೆದುಕೊಂಡು ಮಗಳ ಬಾಣಂತನಕ್ಕೆ ಹೋಗಿದ್ದರು. ಹೂವಿನ ಕುಂಡಗಳಿಗೆ ನೀರು ಹಾಕು ಎಂದು ಬೀಗದ ಕೈಯನ್ನು ಇವಳಿಗೆ ಕೊಟ್ಟಿದ್ದರು. ಕುಂಡಕ್ಕೆ ನೀರು ಹಾಕೆಂದರೆ ಮನೆಯಲ್ಲಿ ಮನುಷ್ಯರನ್ನು ಇಟ್ಟಳು. ಮೇಷ್ಟ್ರಿಗೆ ಫೋನ್ ಮಾಡಿ ಕೇಳಲು ಧೈರ್ಯ ಸಾಲಲಿಲ್ಲ. ಬೇಡ ಎಂದುಬಿಟ್ಟರೆ? ದೀಪ ಹಾಕಬೇಡ, ನಲ್ಲಿ ಜೋರಾಗಿ ಬಿಡಬೇಡ, ಬಟ್ಟೆಯನ್ನು ಹೊರಗೆ ಒಣಹಾಕಬೇಡ ಎಂದು ತಂಗಿಗೆ ಚಿಕ್ಕ ಮಗುವಿಗೆ ಹೇಳುವ ಹಾಗೆ ಹೇಳಿದಳು. ಅವಳ ಹೆದರಿಕೆಯೆಲ್ಲ ಪಕ್ಕದ ಮನೆಯದ್ದು. ಅಲ್ಲಿದ್ದವಳು ರೇಡಿಯೋ. ಹೆತ್ತವರಿಟ್ಟ ಹೆಸರು ಅವಳಿಗೂ ಮರೆತಿತ್ತೋ ಏನೋ, ಊರೆಲ್ಲ ಅವಳಿಗೆ ರೇಡಿಯೋ ಎಂದೇ ಹೇಳುವುದು. ಮಗ, ಸೊಸೆ, ಹೆಣ್ಣುಮಕ್ಕಳು, ಮೊಮ್ಮಕ್ಕಳು ತುಂಬಿ ತುಳುಕುವ ಮನೆ. ಅವಳ ಕಿವಿಗೆ ಬಿದ್ದ ಸುದ್ದಿ ಒಲೆಯ ಮೇಲಿನ ಅನ್ನ ಬೇಯುವುದರೊಳಗೆ ಮೇಲಿನ ಬೀದಿ ಮುಟ್ಟುತ್ತಿತ್ತು.

ತಂಗಿಯ ಗಂಡ ಬಂದೇ ಬಂದ. ಕೂಗಾಡಿಕೊಂಡು ಬಂದಿದ್ದರೆ ಚೆನ್ನಾಗಿತ್ತು, ನಾಲ್ಕು ಜನ ಸೇರಿ ಓಡಿಸುತ್ತಿದ್ದರು. ಅವನು ಬಂದದ್ದು ನಗುನಗುತ್ತ. ಚೆನ್ನಾಗಿದ್ದೀರಾ ಅತ್ತಿಗೆ ಎಂದು ವಿಚಾರಿಸಿಕೊಂಡ. ಕುಡಿಯೋಕೆ ನೀರು ಬೇಕು, ನೀವು ಕೆಲಸ ಮಾಡಿ, ನಾನೇ ತಗೊಳ್ತೀನಿ ಎಂದು ಕೋಣೆಯೊಳಗೆ ಹೋದ. ಒಳಗೆ ಮಂಚ ಎಳೆದ ಸದ್ದು, ಗಂಟುಗಳನ್ನು ಒಂದೊಂದಾಗಿ ಸರಿಸಿದ ಸದ್ದು ಕೇಳಿಸಿತು. ಆಮೇಲೆ ಹೊರಗೆ ಬಂದು ನೀರು ಕುಡಿದು, ಲೋಟ ತೊಳೆದು ಬೋರಲು ಹಾಕಿ, ಗಿರಾಕಿಗಳು ಕೂರುವ ಬೆಂಚಿನ ಮೇಲೆ ಕುಳಿತ. ಇಸ್ತ್ರಿ ಅಕ್ಕ ಆ ಬೋರಲು ಹಾಕಿದ ಲೋಟವನ್ನೇ ನೋಡಿದಳು.

“ರಜೆ ಹಾಕಿದ್ದೀನಿ,” ಎಂದ. “ಅವಳಿಗೆ ನೀವು ಬಿಟ್ರೆ ಇನ್ಯಾರಿದ್ದಾರೆ? ಬಂದ್ರೆ ಇಲ್ಲಿಗೇ ಬರಬೇಕು. ಹೋದ್ರೂ ಇಲ್ಲಿಂದಲೇ ಹೋಗಬೇಕು.”

ಬಡಾವಣೆಯ ನಕ್ಷೆ ಅವನಿಗೂ ಅರ್ಥವಾಗಿಬಿಟ್ಟಿತ್ತು. ಇಲ್ಲಿ ಎಷ್ಟು ಮನೆ, ಎಷ್ಟು ಜನ ಇರಬಹುದು ಎಂದು ಹಾಗೇ ಹರಟೆಗೆಂಬಂತೆ ಕೇಳಿದ. ಕೂಸುಗಳನ್ನೂ ಸೇರಿಸಿ ಲೆಕ್ಕ ಹೇಳಬಲ್ಲವಳು, ನನಗೇನು ಗೊತ್ತು, ನಾನು ನೋಡೋದು ಬಟ್ಟೆ, ಮುಖ ಅಲ್ಲ ಎಂದಳು. ಅವನು ಫೋನಿನಲ್ಲಿ ಹೆಂಡತಿಯ ಫೋಟೋ ತೆಗೆದು ಹೋಗಿಬರುವವರನ್ನೆಲ್ಲ ನಿಲ್ಲಿಸಿ ತೋರಿಸತೊಡಗಿದ. ಒಬ್ಬೊಬ್ಬರು ಬಗ್ಗಿ ನೋಡುವಾಗಲೂ ಇಸ್ತ್ರಿ ಅಕ್ಕನ ಜೀವ ಬಾಯಿಗೆ ಬರುತ್ತಿತ್ತು. ನೋಡಿಲ್ಲ ಎಂದು ತಲೆಯಾಡಿಸಿ ಮುಂದೆ ಹೋದರೆ ಮತ್ತೆ ಕೆಳಗಿಳಿಯುತ್ತಿತ್ತು.

ಮಾರನೆಯ ದಿನವೂ ಅವನು ಬೆಂಚಿಗೆ ಅಂಟಿಕೊಂಡೇ ಇದ್ದ. ಕುಂಡಗಳಿಗೆ ನೀರು ಹಾಕುವ ನೆಪದಲ್ಲಿ ಕೊನೆಮನೆಗೆ ಹೋಗಲೂ ಅವಳಿಗೆ ಧೈರ್ಯವಾಗಲಿಲ್ಲ. ತಂಗಿ ಊಟ ಮಾಡಿದಳೋ ಇಲ್ಲವೋ ಎಂದು ಯೋಚಿಸುತ್ತ ಕೆಂಡ ಕೆದಕುತ್ತಿರುವಾಗ ರೇಡಿಯೋ ದೊಡ್ಡ ಗಂಟು ಹೊತ್ತು ಬಂದಳು. ಬಂದವಳು ಎಂದಿನ ಹಾಗೆ ಹೋಗಲಿಲ್ಲ, ಅಲ್ಲೇ ನಿಂತಳು. ಅವನು ಫೋಟೋ ತೋರಿಸಿದ. ಅವಳು ಫೋನನ್ನು ದೂರ ಹಿಡಿದು, ಹತ್ತಿರ ಹಿಡಿದು, ಕನ್ನಡಕ ಮರೆತು ಬಂದಿದ್ದೀನಪ್ಪ ಎಂದಳು. ಇಸ್ತ್ರಿ ಅಕ್ಕ ಮುಖ ಎತ್ತಲಾರದೆ ಗಂಟು ಬಿಚ್ಚಿದಳು.

ಮೇಲೆ ಮೊಮ್ಮಕ್ಕಳ ಸಮವಸ್ತ್ರ. ಅದರ ಕೆಳಗೆ ಮಗನ ಬಿಳಿ ಅಂಗಿ. ಅದರ ಕೆಳಗೆ ಬೂದು ಶರ್ಟು, ಜೇಬಿನ ಮೇಲೆ ಕೆಂಪು ಚಕ್ರ.

ಇದು ಇಲ್ಲಿಗೆ ಹೇಗೆ ಬಂತು? ಹಿಡಿದುಕೊಟ್ಟುಬಿಟ್ಟಳೇ ಈ ಮುಂಡೇದು? ಯೋಚಿಸಲು ಹೊತ್ತಿರಲಿಲ್ಲ, ಅವನು ಅಷ್ಟರಲ್ಲಿ ಬೂದು ತೋಳನ್ನು ನೋಡಿದ್ದ.

“ನಮ್ಮ ಫ್ಯಾಕ್ಟರಿ ಬಣ್ಣ ಇದ್ದಂಗಿದೆ ಅತ್ತಿಗೆ,” ಎನ್ನುತ್ತ ಬೆಂಚಿನಿಂದ ಎದ್ದ.

ಅವನು ಗಾಡಿಯ ಹತ್ತಿರ ಬರುವ ಮೊದಲು ಅವಳು ಶರ್ಟನ್ನು ಇಸ್ತ್ರಿಯ ಕಂಬಳಿಯ ಮೇಲೆ ಹರಡಿ, ಕೆಂಡ ತುಂಬಿದ ಇಸ್ತ್ರಿ ಪೆಟ್ಟಿಗೆಯನ್ನು ಜೇಬಿನ ಮೇಲೆ ಇಟ್ಟಳು. ಇಟ್ಟವಳು ತೆಗೆಯಲಿಲ್ಲ. ಹಿತ್ತಾಳೆ ಹಿಡಿಯ ಮೇಲೆ ಮೈಭಾರವನ್ನೆಲ್ಲ ಹಾಕಿ ನಿಂತಳು. ಹೊಗೆ ಎದ್ದಿತು, ಕಮಟು ಎದ್ದಿತು. ಇಷ್ಟು ವರ್ಷ ಕಾಪಾಡಿಕೊಂಡು ಬಂದ ಹೆಸರು ಕಣ್ಣೆದುರೇ ಸುಡುತ್ತಿತ್ತು, ಅದರ ಕಡೆ ಅವಳಿಗೆ ಗಮನವೇ ಇರಲಿಲ್ಲ. ಪೆಟ್ಟಿಗೆ ಎತ್ತಿದಾಗ ಜೇಬೂ ಇರಲಿಲ್ಲ, ಚಕ್ರವೂ ಇರಲಿಲ್ಲ. ಮುಂದೆ ಚೂಪು, ಹಿಂದೆ ಅಗಲವಾದ ಕರಿ ತೂತೊಂದಿತ್ತು.

ರೇಡಿಯೋ ಒಮ್ಮೆ ಶರ್ಟು ನೋಡಿದಳು, ಒಮ್ಮೆ ಅವನನ್ನು ನೋಡಿದಳು, ಒಮ್ಮೆ ಇಸ್ತ್ರಿ ಅಕ್ಕನ ಮುಖ ನೋಡಿದಳು. ಆಮೇಲೆ ಬಾಯಿ ತೆರೆದಳು ನೋಡಿ, ಎರಡು ಬೀದಿಗೂ ಕೇಳಿಸಬೇಕು. ನನ್ನ ಮಗನ ವಾಚ್‌ಮನ್ ಡ್ಯೂಟಿ ಬಟ್ಟೆ ಸುಟ್ಟೆಯಲ್ಲೇ, ನಾಳೆ ಗೇಟಿನ ಮುಂದೆ ಏನು ಹಾಕಿಕೊಂಡು ನಿಲ್ಲುತ್ತಾನೆ, ನಿನ್ನ ಕಣ್ಣೇನು ಸೇತುವೆ ಮೇಲಿತ್ತಾ ಎಂದು ಶುರುಮಾಡಿ, ಸತ್ತ ಗಂಡನವರೆಗೂ ಹೋಗಿ ಬೈದಳು. ಜನ ಸೇರಿದರು. ಬೈಯುತ್ತ ಬೈಯುತ್ತಲೇ ಶರ್ಟನ್ನು ಮುದ್ದೆಮಾಡಿ ಕಂಕುಳಲ್ಲಿ ಸಿಕ್ಕಿಸಿಕೊಂಡು ಹೊರಟುಹೋದಳು. ಬೈಗುಳ ಕೇಳಿ ಯಾರಿಗಾದರೂ ಅಷ್ಟು ನೆಮ್ಮದಿಯಾದದ್ದುಂಟೇ?

ಅವನು ನಗುತ್ತ ಮತ್ತೆ ಬೆಂಚಿನ ಮೇಲೆ ಕುಳಿತ.

“ಹೋಗ್ಲಿ ಬಿಡಿ ಅತ್ತಿಗೆ. ನಿಮ್ಮ ತಂಗಿನೂ ಒಂದ್ಸಲ ಹೀಗೇ ನನ್ನ ಶರ್ಟು ಸುಟ್ಟಿದ್ಲು,” ಎಂದ. “ಆಮೇಲೆ ಯಾವತ್ತೂ ಸುಡಲಿಲ್ಲ.”

ಅವಳು ಕೆಂಡಕ್ಕೆ ಗಾಳಿ ಹಾಕುವ ಹಾಗೆ ತಲೆ ತಗ್ಗಿಸಿದಳು.

ಸಂಜೆ ಅವನು ಸೇತುವೆಯಾಚೆ ಊಟಕ್ಕೆ ಹೋದದ್ದೇ ತಡ, ಅವಳು ಕೊನೆಮನೆಗೆ ಓಡಿದಳು. ಹಿತ್ತಲ ಗೋಡೆಯಾಚೆ ರೇಡಿಯೋ ಕಾದು ನಿಂತಿದ್ದಳು. ಅಲ್ಲ, ನಿನಗೆ ಹೇಗೆ ಗೊತ್ತಾಯಿತು ಎಂದು ಇವಳು ಗದರಿದರೆ, ಅವಳು ಗುಟ್ಟಿನ ದನಿಯಲ್ಲಿ ಮಾತಾಡಿದಳು. ಆ ದನಿ ಅವಳಿಗಿದೆಯೆಂದೇ ಬಡಾವಣೆಯಲ್ಲಿ ಯಾರಿಗೂ ಗೊತ್ತಿರಲಿಲ್ಲ.

“ಬೆಕ್ಕು ಕಣ್ಣು ಮುಚ್ಕೊಂಡು ಹಾಲು ಕುಡಿದ್ರೆ ಲೋಕಕ್ಕೆ ಕಾಣಲ್ವೇನೇ? ಈ ಚಳೀಲಿ ಕುಂಡಕ್ಕೆ ಎರಡು ಹೊತ್ತು ನೀರು ಯಾರು ಹಾಕ್ತಾರೆ?”

ಮೊದಲ ದಿನವೇ ಅವಳಿಗೆ ಗೊತ್ತಾಗಿತ್ತು. ತಂಗಿ ಗಂಡನ ಮೈವಾಸನೆ ತಡೆಯಲಾರದೆ ಆ ಶರ್ಟು ಒಗೆದು ಹಿತ್ತಲಲ್ಲಿ ಒಣಹಾಕಿದ್ದಳು. ಖಾಲಿ ಮನೆಯ ಹಗ್ಗದಲ್ಲಿ ಗಂಡಸಿನ ಬಟ್ಟೆ ಕಂಡರೆ ನಾಲ್ಕು ಜನ ಮಾತಾಡುತ್ತಾರೆ, ನಮ್ಮವರ ಬಟ್ಟೆಯಲ್ಲಿ ಸೇರಿಸಿದರೆ ಯಾರೂ ಕೇಳುವುದಿಲ್ಲ ಎಂದು ರೇಡಿಯೋ ಬೆಳಿಗ್ಗೆ ಅದನ್ನು ಎಳೆದುಕೊಂಡು ತನ್ನ ಗಂಟಿಗೆ ಹಾಕಿದ್ದಳು. ಯಾರ ಶರ್ಟು ಎಂದು ಅವಳಿಗೇನು ಗೊತ್ತು? ಒಳ್ಳೆಯದು ಮಾಡಲು ಹೋಗಿ ಹಾವಿನ ಮುಂದೆ ಕಪ್ಪೆ ಇಟ್ಟಿದ್ದಳು. ಮೇಷ್ಟ್ರ ಹೆಂಡತಿಗೂ ಫೋನ್ ಮಾಡಿ ಹೇಳಿಯಾಗಿತ್ತಂತೆ. ಅಕ್ಕಿ ಡಬ್ಬ ಮೇಲಿನ ಗೂಡಿನಲ್ಲಿದೆ, ಹಸಿದುಕೊಂಡಿರಬೇಡ ಅಂತ ಹೇಳು ಎಂದರಂತೆ ಆಕೆ. ಇಸ್ತ್ರಿ ಅಕ್ಕನಿಗೆ ಅಳು ಬಂತು, ಹಿಂದೆಯೇ ಹೆದರಿಕೆಯೂ ಬಂತು. ಇವಳಿಗೆ ಗೊತ್ತು ಎಂದರೆ ಇನ್ನೆಷ್ಟು ಬಾಯಿಗೆ ಗೊತ್ತು? ರೇಡಿಯೋಗೆ ಆ ಚಿಂತೆಯಿರಲಿಲ್ಲ. ಅವನು ಇಲ್ಲಿರುವಷ್ಟು ದಿನ ಹುಡುಗಿ ನಮ್ಮಲ್ಲಿರಲಿ, ನಮ್ಮ ಮನೆಯಲ್ಲಿ ಒಂದು ತಲೆ ಹೆಚ್ಚಾದರೆ ನನಗೇ ಗೊತ್ತಾಗುವುದಿಲ್ಲ ಎಂದು ಗೋಡೆಗೆ ಸ್ಟೂಲು ಹಾಕಿದಳು.

ಗೋಡೆ ದಾಟುವ ಮೊದಲು ತಂಗಿ ಆ ಸುಟ್ಟ ಶರ್ಟನ್ನು ಕೈಗೆ ತೆಗೆದುಕೊಂಡು ತುಂಬ ಹೊತ್ತು ನೋಡಿದಳು. ತೂತಿನ ಅಂಚಿನ ಸುತ್ತ ಬೆರಳಾಡಿಸಿದಳು.

“ನಾನು ಸುಟ್ಟಿದ್ದು ಕಾಲರ್ ತುದಿ ಮಾತ್ರ ಅಕ್ಕ,” ಎಂದಳು.

ಬೆಳಿಗ್ಗೆ ಅವನು ಮತ್ತೆ ಬಂದ. ರಜೆ ಮುಗಿಯಿತು, ಮಧ್ಯಾಹ್ನದ ಪಾಳಿಗೆ ಹೋಗಬೇಕು ಎಂದು ಚೀಲದಿಂದ ಇನ್ನೊಂದು ಬೂದು ಶರ್ಟು ತೆಗೆದ. ಅದೇ ಜೇಬು, ಅದೇ ಕೆಂಪು ಚಕ್ರ. ಇದನ್ನಾದರೂ ಸುಡಬೇಡಿ ಅತ್ತಿಗೆ ಎಂದು ನಗುತ್ತ ಕಂಬಳಿಯ ಮೇಲೆ ಹರಡಿ, ಅದರ ಪಕ್ಕದಲ್ಲೇ ಕೈಯೂರಿ ನಿಂತ.

ಇಸ್ತ್ರಿ ಅಕ್ಕ ಪೆಟ್ಟಿಗೆ ಎತ್ತಿದಳು. ತೋಳು ಮಡಿಸಿದ ಅವನ ಮುಂಗೈ ಕಂಬಳಿಯ ಮೇಲೆ ಬಿದ್ದಿತ್ತು, ಒಂದು ಕಲೆಯೂ ಇಲ್ಲದ್ದು. ಆವತ್ತಿನವರೆಗೂ ಅವಳು ಹೆದರಿದ್ದು ಅವನಿಗೆ. ಈಗ ತನ್ನ ಕೈಗೇ ಹೆದರಿದಳು. ಪೆಟ್ಟಿಗೆ ಅವನ ಕೈಯ ಮೇಲುಗಡೆ ಬಂದು ನಿಂತಿತ್ತು, ಅದನ್ನು ಅಲ್ಲಿಗೆ ತಂದದ್ದು ಯಾವಾಗ ಎಂದು ಅವಳಿಗೇ ತಿಳಿಯಲಿಲ್ಲ.

“ಕೈ ತೆಗೀರಿ,” ಎಂದಳು ಮೆಲ್ಲಗೆ. “ಸುಡುತ್ತೆ.”

ಅವನು ತಲೆಯೆತ್ತಿ ಅವಳ ಮುಖ ನೋಡಿದ. ನಗು ಹೋಯಿತು. ಕೈಯನ್ನು ಮೆಲ್ಲನೆ ಹಿಂದಕ್ಕೆ ಎಳೆದುಕೊಂಡ. ಆಮೇಲೆ ಅವನು ಬೆಂಚಿನ ಮೇಲೆ ಕೂರಲಿಲ್ಲ, ಅವಳಿಗೆ ಬೆನ್ನನ್ನೂ ತೋರಿಸಲಿಲ್ಲ. ಅವಳು ಕಾಲರು, ತೋಳು, ಜೇಬು ಎಂದು ಒಂದು ಗೆರೆಯೂ ಉಳಿಯದಂತೆ ಇಸ್ತ್ರಿ ಮಾಡಿ ಮಡಿಸಿ ಕೊಟ್ಟಳು. ಅವನು ತೆಗೆದುಕೊಂಡು ಸೇತುವೆಯ ಕೆಳಗೆ ಹೋದ. ಆಮೇಲಷ್ಟೇ ಅವಳು ಬೆಂಚಿನ ಮೇಲೆ ಕುಳಿತಳು.

ಅವನು ಮತ್ತೆ ಬರುತ್ತಾನೋ ಇಲ್ಲವೋ, ಹೇಳಿ ಹೋಗಿಲ್ಲ. ರೇಡಿಯೋ ಮನೆಯ ಗಂಟಿನಲ್ಲಿ ಈಗ ಒಬ್ಬಳ ಬಟ್ಟೆ ಹೆಚ್ಚಿಗೆ ಬರುತ್ತದೆ. ಇಸ್ತ್ರಿ ಅಕ್ಕ ಅದನ್ನು ಎಲ್ಲರ ಬಟ್ಟೆಯ ನಡುವೆ ಸೇರಿಸಿ ಮಡಿಸುತ್ತಾಳೆ. ಸೇತುವೆಯ ಕತ್ತಲಿನಿಂದ ಬೂದು ಬಣ್ಣದ ಯಾವ ಅಂಗಿ ಹೊರಗೆ ಬಂದರೂ ಅವಳ ಕೈಯಲ್ಲಿನ ಪೆಟ್ಟಿಗೆ ಗಾಳಿಯಲ್ಲೇ ನಿಂತುಬಿಡುತ್ತದೆ, ಬಂದವನ ಮುಖ ಕಾಣುವವರೆಗೆ.