ಸತ್ತ ಗಪ್ಪಿಗಳು ಮತ್ತು ಸೊಸೆಯ ಕಾಲ್ಗುಣ

ಮೂರು ವರ್ಷದ ಹಿಂದಿನ ಬೇಸಿಗೆಯ ಮಾತು. ಹುಬ್ಬಳ್ಳಿಯ ದುರ್ಗದ ಬೈಲಿನ ಹಿಂದಿನ ಗಲ್ಲಿಯಲ್ಲಿ ನನ್ನದೊಂದು ಅಕ್ವೇರಿಯಂ ಅಂಗಡಿ. ಮೀನಿನ ಚೀಲಗಳನ್ನು ಸೈಕಲ್ ಹ್ಯಾಂಡಲ್ಲಿಗೆ ತೂಗುಹಾಕಿಕೊಂಡು ಓಣಿ ಓಣಿ ತಿರುಗಿ ಮಾರುತ್ತಿದ್ದವನು, ಆ ಹೊತ್ತಿಗೆ ಸ್ವಂತ ಮಳಿಗೆಯಲ್ಲಿ ಕುರ್ಚಿ ಹಾಕಿಕೊಂಡು ಕುಳಿತಿದ್ದೆ. ಚೌಕಾಸಿಯೇ ನನ್ನ ವಿದ್ಯೆ. ಹುಬ್ಬಳ್ಳಿಯ ಗಿರಾಕಿ ಹೇಳಿದ ದರಕ್ಕೆ ಮರುಮಾತಿಲ್ಲದೆ ಕೊಂಡರೆ ನಾನು ಖುಷಿಪಡುವುದಿಲ್ಲ, ಅನುಮಾನಪಡುತ್ತೇನೆ. ಆ ಬೇಸಿಗೆಯಲ್ಲಿ ಒಬ್ಬ ಹೆಣ್ಣುಮಗಳು ಹಾಗೆ ಕೊಳ್ಳಲು ಶುರುಮಾಡಿದಳು. ಆ ಪ್ರಕರಣ ನೆನಪಾದರೆ ಇವತ್ತಿಗೂ ನನ್ನ ಮೈ ಉರಿಯುತ್ತದೆ.

ಆಕೆಯನ್ನು ಇಲ್ಲಿ ರೂಪಾ ಎನ್ನುತ್ತೇನೆ. ಮದುವೆಯಾಗಿ ವರ್ಷ ತುಂಬಿರಲಿಲ್ಲ. ತವರು ಶಿರಗುಪ್ಪಿ, ಗಂಡನ ಮನೆ ಉಣಕಲ್. ಮಾವ ಕಾಳಿನ ವ್ಯಾಪಾರಿ, ಪೇಟೆಯಲ್ಲಿ ಎಲ್ಲರೂ ಸಾವ್ಕಾರ್ರು ಎನ್ನುವ ಮನುಷ್ಯ. ಮನೆಗೆ ಎರಡು ಅಡಿ ಉದ್ದದ ಟ್ಯಾಂಕು, ಒಂದಿಷ್ಟು ಗಪ್ಪಿ ಮೀನು ಒಯ್ದಿದ್ದರು. ಗಪ್ಪಿ ಎಂದರೆ ಬೆರಳಿನ ಒಂದು ಗೆಣ್ಣಿನಷ್ಟು ಉದ್ದದ ಮೀನು. ಗಂಡಿನ ಬಾಲಕ್ಕೆ ಬಣ್ಣಬಣ್ಣದ ಬೀಸಣಿಗೆ, ಹೆಣ್ಣು ಸಾದಾ. ಸಾಕಲು ಇದಕ್ಕಿಂತ ಸುಲಭದ ಮೀನಿಲ್ಲ ಎಂದು ನಾನೇ ಸಾವಿರ ಸಲ ಹೇಳಿದ್ದೇನೆ.

ರೂಪಾ ವಾರಕ್ಕೊಮ್ಮೆ, ಕೆಲವೊಮ್ಮೆ ಎರಡು ಸಲ ಬರುತ್ತಿದ್ದಳು. ಮೊಬೈಲಿನಲ್ಲಿ ಸತ್ತ ಮೀನಿನ ಫೋಟೊ. “ಹಿಂಥಾದ್ದ ಬೇಕ್ರಿ ಕಾಕಾರ. ಬಾಲದ ಮ್ಯಾಲ ಈ ಕರೀ ಚುಕ್ಕಿ ಇರಬೇಕ್ರಿ.” ಬಣ್ಣ ಸ್ವಲ್ಪ ಹೆಚ್ಚುಕಡಿಮೆಯಾದರೂ ಬೇಡ. ದರ ಕೇಳುವುದಿಲ್ಲ. ಚೀಲವನ್ನು ಕೈಯಲ್ಲಿ ಹಿಡಿಯದೆ, ಕಾಯಿಪಲ್ಲೆಯ ಚೀಲದಲ್ಲಿ ಮೆಂತ್ಯದ ಸೂಡಿನ ಕೆಳಗೆ ಮುಚ್ಚಿಡುತ್ತಾಳೆ.

ನಾಲ್ಕನೆಯ ಸಲಕ್ಕೆ ನಾನು ಬಲೆ ಕೆಳಗಿಟ್ಟೆ. “ಯವ್ವಾ, ಮೀನ ಕೊಡೂದಿಲ್ಲ. ಏನ್ ನಡದೈತಿ ಹೇಳು.”

“ಮೀನ ಸಾಯಾಕತ್ತಾವ್ರಿ.”

“ಅದ ನನಗೂ ಗೊತ್ತೈತಿ. ಮುಚ್ಚಿ ಯಾಕ ಒಯ್ಯಾಕತ್ತಿ?”

ಅಂಗಡಿಯಲ್ಲಿ ಬೇರೆ ಯಾರೂ ಇಲ್ಲವೆಂದು ನೋಡಿಕೊಂಡು ಹೇಳಿದಳು. ಆಕೆ ಮನೆ ತುಂಬಿದ ತಿಂಗಳಲ್ಲೇ ಮಾವನ ಒಂದು ಲಾರಿ ಕಡಲೆ ಮಳೆಯಲ್ಲಿ ತೊಯ್ದಿತ್ತು. ಆಮೇಲೆ ಈ ಮೀನು. ಮೊದಲ ನಾಲ್ಕೈದು ಸತ್ತಾಗ ಅತ್ತೆ ನೀಲವ್ವ ಬಂದವರೆದುರಿಗೆಲ್ಲ, “ನಮ್ಮ ಸೊಸಿ ಕಾಲ್ಗುಣ ನೋಡ್ರಿ, ಮನ್ಯಾಗಿನ ಜೀವಾ ನಿಲ್ಲವಲ್ವು” ಎಂದು ಹೇಳಲು ಶುರುಮಾಡಿದ್ದರು. ನಾದಿನಿಯ ನಿಶ್ಚಯ ಹತ್ತಿರ ಬಂದಿತ್ತು. ಅಲ್ಲಿ ರೂಪಾ ಆರತಿ ಹಿಡಿಯುವುದು ಬೇಡ, ನಿಶ್ಚಯ ಮುಗಿಯುವವರೆಗೆ ತವರಿನಲ್ಲಿರಲಿ ಎಂಬ ಮಾತು ಮನೆಯಲ್ಲಿ ಎದ್ದಿತ್ತು. ಅದಕ್ಕೇ ಆಕೆ ಎಲ್ಲರಿಗಿಂತ ಮುಂಚೆ ಎದ್ದು, ಸತ್ತ ಮೀನು ತೆಗೆದು, ಅದೇ ಬಣ್ಣದ್ದನ್ನು ಬಿಡುತ್ತಿದ್ದಳು.

“ಒಮ್ಮೆ ಕಳಿಸಿದ್ರಂದ್ರ ಕರಿಯಾಕ ಯಾವಾಗ ಬರ್ತಾರ ಅಂತ ಯಾರಿಗ್ ಗೊತ್ರಿ” ಎಂದಳು.

ನನಗೆ ಸಿಟ್ಟು ನೆತ್ತಿಗೇರಿತು. ನನ್ನ ಮಾಲು ಸತ್ತರೆ ನನ್ನನ್ನು ಬಯ್ಯಿರಿ, ಅಂಗಡಿ ಮುಂದೆ ನಿಂತು ಜಗಳ ತೆಗೆಯಿರಿ. ಮೀನು ಸತ್ತದ್ದಕ್ಕೆ ಹೆಣ್ಣುಮಗಳ ಕಾಲು ನೋಡುವುದು ಯಾವ ಊರಿನ ಲೆಕ್ಕ? “ಊಟಾ ಎಷ್ಟ ಹಾಕ್ತೀರಿ?” ಎಂದು ಕೇಳಿದೆ.

“ನಾ ಹಾಕೂದ ಎಲ್ಲಿ ಬಂತ್ರಿ. ನಮ್ಮ ಶಿರಗುಪ್ಪ್ಯಾಗ ಎಮ್ಮಿ ನೀರ ಕುಡಿಯೂ ತೊಟ್ಟ್ಯಾಗ ಗಪ್ಪಿ ಬಿಟ್ಟಿದ್ವಿ. ಸೊಳ್ಳಿಮರಿ ತಿಂದಕೊಂಡ ಬದುಕಿದ್ವು, ಯಾರೂ ಒಂದ ಕಾಳ ಹಾಕ್ತಿದ್ದಿಲ್ಲ. ಇಷ್ಟ ಹಾಕಬ್ಯಾಡ್ರಿ ಅಂತ ಇವರಿಗೂ ಹೇಳೇನಿ. ಯಾರ್ ಕೇಳ್ತಾರ್ರಿ?”

ಮರುದಿನ ಬೆಳಿಗ್ಗೆಯೇ, ಫಿಲ್ಟರ್ ನೋಡಿ ಹೋಗುತ್ತೇನೆ, ಪುಕ್ಕಟೆ ಸರ್ವಿಸ್ ಎಂದು ನೆವ ಹೇಳಿ ಉಣಕಲ್ಲಿಗೆ ಹೋದೆ. ಪುಕ್ಕಟೆ ಎಂದರೆ ಯಾವ ಸಾವ್ಕಾರನ ಬಾಗಿಲೂ ತೆರೆಯುತ್ತದೆ. ಟ್ಯಾಂಕಿನ ನೀರು ಅಕ್ಕಿ ತೊಳೆದ ನೀರಿನಂತಿತ್ತು. ತಳದ ಹರಳುಕಲ್ಲಿನ ಮೇಲೆ ಬಿಳಿ ಬೂಸ್ಟು. ಮುಚ್ಚಳ ಎತ್ತಿದರೆ ಹಳಸಿದ ಅನ್ನದ ವಾಸನೆ.

ನಾನು ಅಲ್ಲಿ ನಿಂತಿರುವಾಗಲೇ ಸಾವ್ಕಾರ್ರು ಪೇಟೆಗೆ ಹೊರಟರು. ಚಪ್ಪಲಿ ಮೆಟ್ಟುವ ಮುನ್ನ ಒಂದು ಚಿಮಟಿಗೆ ಪುಟಾಣಿ ಹಿಟ್ಟು ತಂದು ನೀರಿಗೆ ಉದುರಿಸಿ ಕೈಮುಗಿದರು. ಅವರ ಹಿಂದೆ ಮಗ, ಅಂದರೆ ರೂಪಾಳ ಗಂಡ. ಆ ಮಹಾಶಯ ಮೊಬೈಲಿನಿಂದ ಕಣ್ಣು ತೆಗೆಯದೆಯೇ ಮೀನಿನ ಆಹಾರದ ಡಬ್ಬಿಯನ್ನು ಉಪ್ಪಿನ ಡಬ್ಬಿಯಂತೆ ನಾಲ್ಕು ಸಲ ಕೊಡವಿದ. ಕಾಲೇಜಿಗೆ ಹೊರಟ ನಾದಿನಿ ಬಿಸ್ಕೀಟು ಪುಡಿಮಾಡಿ ಹಾಕಿದಳು. ಕೊನೆಗೆ ನೀಲವ್ವ ಒಂದು ಮುಷ್ಟಿ ಚುರಮುರಿ ಹಿಡಿದು ಬಂದರು. ಹಸಿದ ಜೀವಕ್ಕೆ ಹಾಕದೆ ಹೊಸ್ತಿಲು ದಾಟಬಾರದು, ಅದು ಆ ಮನೆಯ ಶಿಸ್ತು. ಮನುಷ್ಯರ ವಿಷಯದಲ್ಲಿ ಆ ಶಿಸ್ತು ಎಷ್ಟಿತ್ತೋ ಕಾಣೆ.

“ನೋಡ್ರಿ, ಹೆಂಗ ಬಾಯಿ ಬಾಯಿ ಬಿಡ್ತಾವ” ಎಂದರು ನೀಲವ್ವ. “ಎಷ್ಟ ಹಾಕಿದ್ರೂ ಹಸಿವಿ ತೀರವಲ್ದು ಪಾಪ.”

ಮೀನುಗಳೆಲ್ಲ ನೀರಿನ ಮೇಲ್ಪದರಕ್ಕೆ ಬಂದು ಬಾಯಿ ತೆರೆದು ಮುಚ್ಚುತ್ತಿದ್ದವು. ಕಿವಿರುಗಳು ಕೆಂಪಗೆ ಉಬ್ಬಿದ್ದವು.

“ಅಕ್ಕಾರ, ಅವು ಹಸದಿಲ್ರಿ. ಉಸಿರ ಕಟ್ಟೇತಿ ಅವಕ್ಕ.”

ಇಲ್ಲಿ ಸ್ವಲ್ಪ ಬಿಡಿಸಿ ಹೇಳಬೇಕು, ಏಕೆಂದರೆ ನನ್ನ ಗಿರಾಕಿಗಳಲ್ಲಿ ಹೆಚ್ಚಿನವರು ಎಡವುವುದು ಇಲ್ಲೇ. ಗಪ್ಪಿಯ ಒಂದು ಹೊತ್ತಿನ ಊಟವೆಂದರೆ ಅದರ ಕಣ್ಣಿನಷ್ಟು. ಹೆಚ್ಚಾದದ್ದು ತಳಕ್ಕಿಳಿದು ಕೊಳೆಯುತ್ತದೆ. ಕೊಳೆತದ್ದರಿಂದ ಅಮೋನಿಯಾ ಹುಟ್ಟುತ್ತದೆ, ಅದು ಮೀನಿನ ಕಿವಿರನ್ನು ಸುಡುತ್ತದೆ. ಕೊಳೆಯುವಾಗ ನೀರಿನಲ್ಲಿರುವ ಆಮ್ಲಜನಕವೂ ಖರ್ಚಾಗುತ್ತದೆ. ಆಗ ಮೀನು ಮೇಲೆ ಬಂದು ಬಾಯಿ ಬಿಡುತ್ತದೆ. ನೋಡಿದವರು ಹಸಿವೆಂದು ತಿಳಿದು ಮತ್ತಷ್ಟು ಹಾಕುತ್ತಾರೆ. ಉಸಿರುಗಟ್ಟಿದವನ ಬಾಯಿಗೆ ಹೋಳಿಗೆ ತುರುಕಿದ ಹಾಗೆ.

ನಮ್ಮೂರಿನಲ್ಲಿ ಇನ್ನೊಂದು ಪೇಚು. ಬೇರೆ ಕಡೆಯಾದರೆ ನೀರು ಕೆಟ್ಟ ಕೂಡಲೇ ಬದಲಿಸಬಹುದು. ಇಲ್ಲಿ ಎಷ್ಟೋ ಓಣಿಗಳಿಗೆ ನಳದ ನೀರು ಬರುವುದೇ ವಾರಕ್ಕೊಮ್ಮೆ. ಬಂದ ನೀರನ್ನೂ ನೇರವಾಗಿ ಹಾಕುವಂತಿಲ್ಲ. ಅದರ ಕ್ಲೋರಿನ್ ಹೋಗಲು ಒಂದು ದಿನ ಬಾಯ್ದೆರೆದ ಬಕೆಟ್ಟಿನಲ್ಲಿ ಇಡಬೇಕು. ಅದಕ್ಕೆ ನಾನು ಹೇಳುವುದು, ಹುಬ್ಬಳ್ಳಿಯಲ್ಲಿ ಮೀನಿಗೆ ಊಟ ಹಾಕುವಾಗ ಮೀನಿನ ಬಾಯಿ ನೋಡಬೇಡಿ, ಮನೆಯ ನಳ ನೋಡಿ.

ಇದನ್ನೆಲ್ಲ ನೀಲವ್ವನವರಿಗೆ ಹೇಳಿದೆ. ಅವರು ಸೆರಗು ಸರಿಮಾಡಿಕೊಂಡು, “ನೀವ ಮೀನ ಮಾರಾವ್ರು, ರೊಕ್ಕದ ಮಾತ ನಿಮ್ದು. ಹಸದ ಜೀವಕ್ಕ ಹಾಕಬ್ಯಾಡ ಅಂತೀರಲ್ಲ, ಪಾಪ ಹತ್ತೂದಿಲ್ಲೇನ್ರಿ?” ಎಂದರು.

“ಹತ್ತತೈತ್ರಿ. ಹಾಕಿ ಕೊಂದ್ರೂ ಹತ್ತತೈತಿ.”

ಹೊಸ್ತಿಲಲ್ಲಿ ನಿಂತಿದ್ದ ಸಾವ್ಕಾರ್ರು ಒಳಗೆ ಬಂದರು. ನಾನು ಹೇಳಿದ್ದನ್ನು ಎರಡನೆಯ ಸಲ ಹೇಳಿಸಿಕೊಂಡು, “ಇದ ಬರೋಬ್ಬರಿ ಐತಲ್ಲ. ಹಗೇವ್ದಾಗ ನೀರ ಹೊಕ್ಕಂಗ” ಎಂದರು. ನೆಲದೊಳಗಿನ ಹಗೇವಿನಲ್ಲಿ ಕಾಳು ಕೊಳೆಯುವುದು ಅವರಿಗೆ ಗೊತ್ತಿದ್ದ ವಿಷಯ.

“ನಿಮ್ಮ ಸೊಸಿ ಇದನ್ನ ಹೇಳಿದ್ದಿಲ್ಲೇನ್ರಿ ಸಾವ್ಕಾರ್ರ?”

“ಹೇಳಿದ್ಲು. ಸಣ್ಣ ಹುಡುಗಿ, ಆಕೀಗೇನ ತಿಳೀತೈತಿ ಅಂತ ಬಿಟ್ವಿ.”

ರೂಪಾ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದಳು. ಆಕೆ ತಿಂಗಳುಗಟ್ಟಲೆ ಹೇಳಿದ್ದು ಗಾಳಿಗೆ ಹೋಗಿತ್ತು. ಬೀದಿಯಿಂದ ಬಂದ ನಾನು ಅದನ್ನೇ ಹೇಳಿದಾಗ ಬರೋಬ್ಬರಿಯಾಯಿತು. ನನಗೆ ಅದರಿಂದ ಸಂತೋಷವಾಗಲಿಲ್ಲ. ಹಲ್ಲು ಕಚ್ಚುವಷ್ಟು ಸಿಟ್ಟು ಬಂತು.

“ಮೀನಿನ ಮಾತ ಬಿಡ್ರಿ” ಎಂದರು ನೀಲವ್ವ. “ಲೋಡ್ ಕಡ್ಲಿ ತೊಯ್ದದ್ದು? ಅದಕ್ಕೂ ಚುರಮುರಿ ಹಾಕಿದ್ವೇನ್ರಿ?”

“ಲಾರಿ ಮ್ಯಾಲ ತಾಡಪತ್ರಿ ಹೊಚ್ಚಿದ್ರೇನ್ರಿ ಸಾವ್ಕಾರ್ರ?”

ಸಾವ್ಕಾರ್ರು ಕೆಮ್ಮಿದರು. “ಹೊಚ್ಚಿದ್ವಿ. ಹರದಿತ್ತು ಸ್ವಲ್ಪ.”

ವ್ಯಾಪಾರಿಯ ಜೊತೆ ಧರ್ಮದ ಮಾತಾಡಿ ಉಪಯೋಗವಿಲ್ಲ, ಕರಾರು ಮಾಡಬೇಕು. ನಾನು ಕರಾರು ಮುಂದಿಟ್ಟೆ. ನಾಳೆಯ ಅಮವಾಸ್ಯೆಯಿಂದ ಮುಂದಿನ ಅಮವಾಸ್ಯೆಯವರೆಗೆ ಊಟದ ಡಬ್ಬಿ ರೂಪಾಳ ಕೈಯಲ್ಲಿರಬೇಕು. ಒಂದು ಮೀನು ಸತ್ತರೂ ಟ್ಯಾಂಕನ್ನು ನಾನೇ ಹೊತ್ತುಕೊಂಡು ಹೋಗುತ್ತೇನೆ, ನೀವು ಕೊಟ್ಟ ರೊಕ್ಕವೆಲ್ಲ ವಾಪಸ್. ಸಾಯದಿದ್ದರೆ ಈ ಮನೆಯಲ್ಲಿ ಕಾಲ್ಗುಣದ ಮಾತು ಬಂದ್.

ಸಾವ್ಕಾರ್ರ ಕಣ್ಣು ಚುರುಕಾಯಿತು. “ಮಾಲ ಬದ್ಲಿ ಆದ್ರ?”

“ಫೋಟೊ ಹೊಡಕೊಳ್ರಿ. ಅಲ್ಲೀತನಕ ಆಕೀಗೆ ನಾ ಒಂದ ಮೀನಾನೂ ಮಾರೂದಿಲ್ಲ.”

ಬಾಗಿಲಲ್ಲಿದ್ದ ರೂಪಾಳ ಮುಖ ಬಿಳಿಚಿಕೊಂಡಿತು. ಇಷ್ಟು ದಿನ ಆಕೆಯನ್ನು ಕಾಪಾಡುತ್ತಿದ್ದ ಒಂದೇ ದಾರಿಯನ್ನು ನಾನು ಮುಚ್ಚಿಬಿಟ್ಟಿದ್ದೆ. ಆದರೂ ಆಕೆ ಮುಂದೆ ಬಂದಳು.

“ನನ್ನ ಕೇಳದ ಮಾತ ಕೊಟ್ರಿ ಕಾಕಾರ. ಇರ್ಲಿ, ನಾ ಒಪ್ಪೇನಿ. ಆದ್ರ ನಂದೂ ಒಂದ ಕರಾರ ಐತಿ. ಡಬ್ಬಿ ಯಾರೂ ಮುಟ್ಟಬಾರ್ದು. ಚುರಮುರಿನೂ ಇಲ್ಲ, ಪುಟಾಣಿ ಹಿಟ್ಟೂ ಇಲ್ಲ. ಮಾವಾರೂ ಹಾಕಬಾರ್ದು.”

ಸಾವ್ಕಾರ್ರಿಗೆ ನಗು ಬಂತು. “ಆತವ್ವಾ, ಪಕ್ಕಾ” ಎಂದರು.

ಅವತ್ತೇ ರೂಪಾ, ನಾನು ಇಬ್ಬರೂ ಸೇರಿ ಪೈಪಿನಿಂದ ತಳದ ಹೊಲಸನ್ನು ಎಳೆದು ತೆಗೆದೆವು. ಕಾಲುಭಾಗ ನೀರನ್ನಷ್ಟೇ ಬದಲಿಸಿದೆವು. ಒಮ್ಮೆಲೇ ಪೂರ್ತಿ ಬದಲಿಸಿದರೆ ಅದೂ ಮೀನಿಗೆ ಪೆಟ್ಟೇ. ಊಟದ ಕ್ರಮ ಹೀಗೆ: ಬೆಳಿಗ್ಗೆ, ಸಂಜೆ, ಬೆರಳ ತುದಿಗೆ ಅಂಟುವಷ್ಟು ಆಹಾರವನ್ನು ತಿಕ್ಕಿ ಪುಡಿಮಾಡಿ ಹಾಕುವುದು. ಎರಡು ನಿಮಿಷದಲ್ಲಿ ತಿಂದು ಮುಗಿಸಬೇಕು, ಉಳಿದರೆ ಬಲೆಯಿಂದ ತೆಗೆಯಬೇಕು. ವಾರಕ್ಕೊಮ್ಮೆ ಕುದಿಸಿದ ಬಟಾಣಿ, ಸಿಪ್ಪೆ ಸುಲಿದು ಹಿಚುಕಿದ್ದು. ಅದು ಹೊಟ್ಟೆಗೆ ಹಗುರ. ಸೋಮವಾರ ಏನೂ ಇಲ್ಲ. ಸೋಮವಾರದ ಉಪವಾಸಕ್ಕೆ ಮಾತ್ರ ನೀಲವ್ವ ತಕರಾರು ತೆಗೆಯಲಿಲ್ಲ.

ಅರ್ಧ ದಾರಿಯಲ್ಲಿ ಒಂದು ಮುಂಜಾನೆ ರೂಪಾಳ ಫೋನ್ ಬಂತು. “ಕಾಕಾರ, ಚುಕ್ಕಿ ಬಾಲದ್ದು ತಳಕ್ಕ ಕುಂತೈತ್ರಿ. ನೀರ ಬಿಳೇ ಆಗೇತಿ. ಮೂಲ್ಯಾಗ ಚುರಮುರಿ ಉಬ್ಬಿ ಕುಂತಾವ.”

ಯಾರು ಹಾಕಿದ್ದು ಎಂದು ನಾನು ಕೇಳಲಿಲ್ಲ, ಆಕೆ ಹೇಳಲಿಲ್ಲ. ನಳ ಬರಲು ಇನ್ನೂ ಮೂರು ದಿನವಿತ್ತು. “ಮನ್ಯಾಗ ಹಿಡದಿಟ್ಟ ನೀರ ಇಲ್ಲೇನು?” ಎಂದೆ.

“ಬ್ಯಾರಲ್ ತಳಾ ಕಂಡೈತ್ರಿ. ಅಳದ ಕೊಡ್ತಾರ, ತಲೀಗೊಂದ ಬಕೆಟ್. ನನ್ನ ಸ್ನಾನದ್ದೈತಿ, ಅದನ್ನ ಹಾಕ್ಲೇನ್ರಿ?”

ಹಿಡಿದಿಟ್ಟು ದಿನಗಳಾದ ನೀರು, ಕ್ಲೋರಿನ್ ಉಳಿದಿರುವುದಿಲ್ಲ. ಹಾಕು ಎಂದೆ, ಎರಡು ದಿನ ಊಟ ಪೂರ್ತಿ ಬಂದ್ ಮಾಡು ಎಂದೆ. ನಳ ಬರುವವರೆಗೆ ದಿನವೂ ಆಕೆಯ ಪಾಲಿನ ಬಕೆಟ್ಟು ಟ್ಯಾಂಕಿಗೇ ಹೋಯಿತು. ಆ ಬೇಸಿಗೆಯಲ್ಲಿ ಒದ್ದೆ ಬಟ್ಟೆಯಿಂದ ಮೈ ಒರೆಸಿಕೊಂಡೇ ಆಕೆ ಆ ಮೂರು ದಿನ ಕಳೆದಳು. ಚುಕ್ಕಿ ಬಾಲದ್ದು ಎದ್ದು ಈಜಿತು. ಗಂಡ ಅದಕ್ಕೂ ಒಂದು ಮಾತಾಡಲಿಲ್ಲ.

ಅಮವಾಸ್ಯೆಯ ದಿನ ಪೇಟೆ ಬಂದ್, ಸಾವ್ಕಾರ್ರು ಮನೆಯಲ್ಲೇ ಇದ್ದರು. ನಾನು ಹೋದಾಗ ಟ್ಯಾಂಕಿನ ನೀರು ಕನ್ನಡಿಯಂತಿತ್ತು. ಫೋಟೊ ಹಿಡಿದು ಒಂದೊಂದೇ ಮೀನನ್ನು ತಾಳೆ ನೋಡಿದರು. ಎಲ್ಲವೂ ಇದ್ದವು. ಅಷ್ಟೇ ಅಲ್ಲ, ತಳದ ಹರಳುಕಲ್ಲಿನ ಸಂದಿಯಲ್ಲಿ ಜೀರಿಗೆ ಕಾಳಿನಷ್ಟು ಸಣ್ಣ ಮರಿಗಳು ಮಿಸುಕಾಡುತ್ತಿದ್ದವು. ಗಪ್ಪಿ ಮೊಟ್ಟೆ ಇಡುವುದಿಲ್ಲ, ಮರಿ ಹಾಕುತ್ತದೆ.

ನೀಲವ್ವ ಕನ್ನಡಕ ಹಾಕಿಕೊಂಡು ಬಗ್ಗಿ ನೋಡಿದರು. ಮುಖ ಅರಳಿತು. “ಅಯ್ಯ ಶಿವನ! ಈಶಾನ್ಯ ದಿಕ್ಕಿಗೆ ಇಟ್ಟೇವಲ್ರಿ, ಅದಕ್ಕ. ಮಗಳ ನಿಶ್ಚಯಾ ಹತ್ರ ಬಂದೈತಿ, ಶುಭಾ ನೋಡ್ರಿ!”

ನನ್ನ ಬಾಯಿಯವರೆಗೆ ಬಂದ ಮಾತನ್ನು ಇಲ್ಲಿ ಬರೆಯುವಂತಿಲ್ಲ. ಅಷ್ಟರಲ್ಲಿ ರೂಪಾ ಚಹಾದ ತಟ್ಟೆಯನ್ನು ಕೆಳಗಿಟ್ಟಳು.

“ಅತ್ತಿಯಾರ, ಸತ್ತಾಗ ನನ್ನ ಕಾಲು. ಹುಟ್ಟಿದಾಗ ಈಶಾನ್ಯ ದಿಕ್ಕೇನ್ರಿ?”

ಗಂಡ ಮೊಟ್ಟಮೊದಲ ಸಲ ಮೊಬೈಲಿನಿಂದ ತಲೆ ಎತ್ತಿದ. ಸಾವ್ಕಾರ್ರು ಮೆಲ್ಲಗೆ, “ಇರ್ಲಿ ಬಿಡವ್ವಾ, ಆ ಮಾತ ಈಗ್ಯಾಕ, ಮುಗೀತಲ್ಲ” ಎಂದರು.

“ಮುಗದಿಲ್ರಿ ಮಾವಾರ. ನಾಲ್ಕ ಮಂದಿ ಮುಂದ ಹೇಳಿದ್ದು, ಸುಮ್ನ ಹೆಂಗ ಮುಗೀತೈತಿ? ಕಾಕಾರ ಅದಾರ, ಇವರ ಮುಂದನ ಹೇಳ್ರಿ. ನಿಶ್ಚಯದಾಗ ಆರತಿ ಯಾರ ಹಿಡೀತಾರ?”

ಸಾವ್ಕಾರ್ರು ಹೆಂಡತಿಯ ಮುಖ ನೋಡಿದರು. ನೀಲವ್ವ ಟ್ಯಾಂಕಿನ ಗಾಜು ಒರೆಸುತ್ತ ನಿಂತಿದ್ದರು. ಒರೆಸಲು ಅಲ್ಲಿ ಏನೂ ಇರಲಿಲ್ಲ.

“ನೀನ ಹಿಡೀಬೇಕವ್ವಾ” ಎಂದರು ಸಾವ್ಕಾರ್ರು. “ಮನೀ ಸೊಸಿ ನೀನು.”

ಆಕೆ ಆರತಿ ಹಿಡಿದಳೆಂದು ಆಮೇಲೆ ತಿಳಿಯಿತು. ಆದರೆ ‘ನಿನ್ನ ಮಾತು ಖರೇ ಇತ್ತು, ನಾವು ತಪ್ಪಿದೆವು’ ಎಂದು ಆ ಮನೆಯಲ್ಲಿ ಯಾರೂ ಹೇಳಲಿಲ್ಲ. ನನ್ನ ಸಿಟ್ಟು ಇಳಿಯದೆ ಇರುವುದು ಅದಕ್ಕೇ.

ಈ ವ್ಯಾಪಾರ ನನಗೆ ಕಲಿಸಿದ್ದನ್ನು ಪುಕ್ಕಟೆಯಾಗಿ ಕೊಡುತ್ತೇನೆ, ತೆಗೆದುಕೊಳ್ಳಿ. ಮನೆಗೆ ಗಪ್ಪಿ ಒಯ್ಯುವ ಮುನ್ನ ಊಟ ಹಾಕುವ ಕೈ ಒಂದೇ ಎಂದು ಗೊತ್ತುಮಾಡಿ, ಉಳಿದವರು ನೋಡಿ ಸಂತೋಷಪಡಲಿ. ಆ ಒಂದು ಕೈಯವರು ಹೇಳಿದ್ದನ್ನು ಕೇಳಿ, ಅವರು ವಯಸ್ಸಿನಲ್ಲಿ ಎಷ್ಟೇ ಸಣ್ಣವರಿರಲಿ, ಮನೆಗೆ ಎಷ್ಟೇ ಹೊಸಬರಿರಲಿ. ಇಷ್ಟಾಗಿಯೂ ಮೀನು ಸತ್ತರೆ ನೀರು ನೋಡಿ, ತಳ ನೋಡಿ, ನಿಮ್ಮ ಮುಷ್ಟಿಯಲ್ಲಿ ಏನಿತ್ತೆಂದು ನೋಡಿ. ಮನೆಗೆ ಬಂದ ಹೆಣ್ಣುಮಗಳ ಕಾಲು ನೋಡುವವರಿಗೆ ನನ್ನ ಅಂಗಡಿಯಲ್ಲಿ ಮೀನಿಲ್ಲ. ದುಪ್ಪಟ್ಟು ದರ ಕೊಟ್ಟರೂ ಇಲ್ಲ.