ಯಾರೂ ಸತ್ತಿಲ್ಲ, ತಾಲೀಮು ನಡೆದಿದೆ

ಭಾನುವಾರದ ನಸುಕು. ಕಡ್ಡಿರಾಂಪುರದ ಒಂದು ಓಣಿಯಲ್ಲಿ ಐದು ಜನ ಗಂಡಸರು ಒಣಗಿದ ಬಾಳೆ ಎಲೆಗೆ ಬೆಂಕಿ ಹಚ್ಚಿ ಹಲಗೆ ಕಾಯಿಸುತ್ತಿದ್ದಾರೆ. ಚರ್ಮ ಬಿಗಿಯಾಗದಿದ್ದರೆ ದನಿ ಏಳುವುದಿಲ್ಲ. ಎದುರು ಮನೆಯ ಕಟ್ಟೆಯ ಮೇಲೆ ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೌದಿ ಹೊದ್ದ ಮುದುಕಿಯೊಬ್ಬರು ಕೂತಿದ್ದಾರೆ. ಹೆಸರು ಹಂಪಕ್ಕ. ಒಂದು ಕೈಯಲ್ಲಿ ಚಹಾ, ಇನ್ನೊಂದರಲ್ಲಿ ಬಿಸ್ಕತ್ತು. "ಕಾದ್ವೇನ್ರೋ? ಜಲ್ದಿ ಶುರು ಮಾಡ್ರಿ, ಬಿಸ್ಲು ಬಂದ್ರ ನನಗ ಕುಂದ್ರಾಕ ಆಗಲ್ಲ" ಎಂದು ಗದರುತ್ತಾರೆ. ಐವರಲ್ಲಿ ಹಿರಿಯರಾದ ಸುಂಕಪ್ಪ ಹಲಗೆಯನ್ನು ಎದೆಗೆ ಆನಿಸಿಕೊಂಡು ಕೋಲು ಎತ್ತುತ್ತಾರೆ.

ಮೊದಲ ಏಟಿಗೇ ನನ್ನ ಎದೆ ಧಸಕ್ಕೆನ್ನುತ್ತದೆ. ನಾನು ಹೊಸಪೇಟೆಯಲ್ಲೇ ಹುಟ್ಟಿ ಬೆಳೆದವಳು. ಇದು ಯಾವ ಬಡಿತವೆಂದು ನನಗೆ ಯಾರೂ ಹೇಳಿಕೊಡಬೇಕಿಲ್ಲ. ಇದು ಸಾವಿನ ಹಲಗೆ! ಕಣ್ಣು ಬಿಟ್ಟುಕೊಂಡು, ಚಹಾದಲ್ಲಿ ಬಿಸ್ಕತ್ತು ಅದ್ದಿ ತಿನ್ನುತ್ತಿರುವ ಹೆಂಗಸಿನ ಮುಂದೆ ಇದನ್ನು ಬಾರಿಸುವುದೇ? ಹಂಪಿಯ ಕಡೆ ಹೊರಟಿದ್ದ ಆಟೋದವನೊಬ್ಬ ಓಣಿಯ ತುದಿಯಲ್ಲಿ ಗಾಡಿ ನಿಲ್ಲಿಸಿ, ಗಾಬರಿಯಿಂದ ಇಣುಕುತ್ತಾನೆ. ಹಂಪಕ್ಕ ಅವನತ್ತ ಕೈ ಬೀಸಿ, "ಯಾರೂ ಸತ್ತಿಲ್ಲಪಾ, ತಾಲೀಮು ನಡದೈತಿ, ಹೋಗು" ಎನ್ನುತ್ತಾರೆ. ಅವನು ಹೋಗುತ್ತಾನೆ. ನಾನು ಕಟ್ಟೆಯ ಮೇಲೆ ಬಾಯಿ ತೆರೆದುಕೊಂಡು ಕೂತಿದ್ದೇನೆ.

ಸುಂಕಪ್ಪನವರಿಗೆ ಐವತ್ತು ದಾಟಿದೆ. ವಾರದ ಆರು ದಿನ ಬಾಳೆ ತೋಟದಲ್ಲಿ ಗೊನೆ ಕಡಿದು, ಹೊತ್ತು ತಂದು ಲಾರಿಗೆ ಪೇರಿಸುವ ಕೆಲಸ. ಅಂಗಿಯ ಹೆಗಲೆಲ್ಲ ಬಾಳೆಯ ಕರೆ ಹಿಡಿದು ಕಪ್ಪಾಗಿದೆ. ಸುತ್ತಲಿನ ಹಳ್ಳಿಗಳಲ್ಲಿ ಯಾರಾದರೂ ತೀರಿಕೊಂಡರೆ ಫೋನ್ ಬರುತ್ತದೆ, ಕತ್ತಿ ಅಲ್ಲೇ ಬಿಟ್ಟು ಹಲಗೆ ಹಿಡಿದು ಹೊರಡುತ್ತಾರೆ. ಕೆಲವು ವಾರ ಒಂದು ಸಾವು, ಚಳಿ ಜೋರಾದಾಗ ನಾಲ್ಕೈದು. "ಉಣ್ಣಾಕ ಕುಂತಾಗ್ಲೇ ಫೋನ್ ಬರ್ತೈತ್ರಿ. ತಾಟಿನಾಗ ಕೈ ತೊಳ್ಕೊಂಡು ಎದ್ದು ಹೊಂಟ್ಬಿಡ್ತಾರ" ಎನ್ನುತ್ತಾರೆ ಹೆಂಡತಿ ರೇಣುಕಮ್ಮ. ಹೆಣದ ಮುಂದೆ ನಡೆಯಲು ಇವರೇ ಬೇಕು. ಮಣ್ಣು ಮಾಡಿ ಬಂದು ಊಟಕ್ಕೆ ಕೂರುವಾಗ ಮಾತ್ರ ಇವರಿಗೆ ಬೇರೆ ಜಾಗ, ಹೊರಗೆ. ಈ ಕಾಲದಲ್ಲೂ! ಊರವರನ್ನು ಕೇಳಿದರೆ "ಮೊದ್ಲಿಂದ ಬಂದೈತ್ರಿ" ಎಂಬ ಉತ್ತರ. ಮೊದಲಿನಿಂದ ಬಂದದ್ದನ್ನೆಲ್ಲ ಇಟ್ಟುಕೊಂಡಿದ್ದರೆ ನಾವಿನ್ನೂ ಎತ್ತಿನ ಗಾಡಿಯಲ್ಲೇ ಹೊಸಪೇಟೆಗೆ ಹೋಗಬೇಕಿತ್ತು, ಮಹಾರಾಯರೇ.

ಸುಂಕಪ್ಪನವರ ಚಿಂತೆ ಊಟದ ಜಾಗದ್ದಲ್ಲ, ಬಡಿತದ್ದು. ಅವರ ತಂದೆ ಕಲಿಸಿದ್ದು ಮೂರು ಬಡಿತ, ಅವಕ್ಕೆ ನಡಿಗೆ ಎನ್ನುತ್ತಾರೆ. ಹೆಣ ಹೊಸ್ತಿಲು ದಾಟುವಾಗಿನದು ಮನೆ ಬಿಡುವ ನಡಿಗೆ, ದಾರಿಯುದ್ದಕ್ಕೂ ಹಾದಿ ನಡಿಗೆ, ಕೊನೆಗೆ ಗುಂಡಿಗೆ ಮಣ್ಣು ಹಾಕುವಾಗ ಕುಣಿ ನಡಿಗೆ. ಉಳಿದ ನಾಲ್ವರಿಗೆ ಗೊತ್ತಿದ್ದದ್ದು ಹಾದಿ ನಡಿಗೆ ಮಾತ್ರ. ಅದರಲ್ಲೂ ಹುಲಿಗೇಶ್ ಮತ್ತು ಮಾರೇಶ್ ಕುರೆಕುಪ್ಪದ ಕಡೆ ಕಾಂಟ್ರ್ಯಾಕ್ಟ್ ಕೆಲಸಕ್ಕೆ ಹೋಗುವವರು, ರಜೆ ಇದ್ದರಷ್ಟೇ ಹಲಗೆ. "ಮನಿ ಬಿಡೋ ನಡಿಗಿ ಭಾಳ ನಿಧಾನ್ರಿ. ಎರಡು ಏಟಿನ ನಡುವ ಸುಮ್ನಿರೋದು ಕಲೀಬೇಕು. ಅದು ನನ್ ಹತ್ರಾನ ಉಳದೈತಿ. ನಾ ಹೋದ್ರ ಅದೂ ಹೋತು" ಎನ್ನುತ್ತಾರೆ ಸುಂಕಪ್ಪ.

ಹಾಗಾದರೆ ಮೊದಲೇ ಕಲಿಸಬಾರದಿತ್ತೇ? ಕೇಳಿದ್ದಕ್ಕೆ ಅವರು ನನ್ನನ್ನೇ ಪಿಳಿಪಿಳಿ ನೋಡುತ್ತಾರೆ. "ಎಲ್ಲಿ ಕಲಿಸ್ಬೇಕಿತ್ತು ಮೇಡಂ? ಯಾರೂ ಸಾಯ್ದೆ ಹಲಗಿ ಬಾರಿಸ್ತಾರೇನು?" ಹೌದಲ್ಲ! ದೇವರ ಕಾರ್ಯಕ್ಕೆ ಈಗ ಬ್ಯಾಂಡ್ ಸೆಟ್, ಮೆರವಣಿಗೆಗೆ ಡಿಜೆ. ಹಲಗೆಗೆ ಉಳಿದದ್ದು ಸಾವೊಂದೇ. ಅದರ ಸದ್ದು ಕೇಳಿದ ಕೂಡಲೇ ಜನ "ಯಾರು ಹೋದ್ರು?" ಎನ್ನುತ್ತಾ ಹೊರಗೆ ಬರುತ್ತಾರೆ. ಸುಮ್ಮನೆ ಬಾರಿಸಿದರೆ ಸಾವನ್ನು ಕರೆದಂತೆ ಎಂಬ ಭಯ. ಹೊಸ ಚರ್ಮ ಬಿಗಿದಾಗಲೂ ಉಗುರಿನಿಂದ ತಟ್ಟಿ ನೋಡುತ್ತಾರೆಯೇ ಹೊರತು ಕೋಲು ಮುಟ್ಟಿಸುವುದಿಲ್ಲ. ಅಂದರೆ ಈ ಮನುಷ್ಯ ಕಲಿತದ್ದೆಲ್ಲ ಹೆಣಗಳ ಮುಂದೆ ನಡೆಯುತ್ತಲೇ. ಮೊನ್ನೆ ಮೊನ್ನೆಯವರೆಗೆ ಒಂದು ದಿನವೂ ತಾಲೀಮು ಮಾಡಿರಲಿಲ್ಲ!

ತಾಲೀಮು ಎಂಬುದನ್ನು ಸುಂಕಪ್ಪ ಮೊದಲು ಕಂಡದ್ದು ಎಲ್ಲಿ ಅಂದುಕೊಂಡಿರಿ? ಬ್ರೆಜಿಲ್‌ನಲ್ಲಿ. ನಾನೂ ನಿಮ್ಮ ಹಾಗೇ "ಆಂ?" ಎಂದೆ. ಕಡ್ಡಿರಾಂಪುರದ ಹೋಮ್‌ಸ್ಟೇಗೆ ಬಂದಿದ್ದ ಲೂಸಿಯಾ ಎಂಬ ಹೆಂಗಸು ಒಂದು ಶವಯಾತ್ರೆಯ ಹಿಂದೆಯೇ ನಡೆದುಕೊಂಡು ಹೋಗಿ, ಇವರ ಬಡಿತ ಕೇಳಿ ಕರಗಿಹೋದಳಂತೆ. ಅವಳು ರಿಯೊ ನಗರದ ಒಂದು ಸಾಂಬಾ ಶಾಲೆಯಲ್ಲಿ ಡ್ರಮ್ ಬಾರಿಸುವವಳು. ಮರುವರ್ಷ ಆ ಶಾಲೆಯವರೇ ಸುಂಕಪ್ಪನವರನ್ನು ಅತಿಥಿಯಾಗಿ ಕರೆಸಿಕೊಂಡರು. ಭಾಷೆಯ ಆಸರೆಗೆ ಹೋಮ್‌ಸ್ಟೇ ಮಾಲೀಕ ಈಶ್ವರ್ ಜೊತೆಗೆ ಹೋದರು. ಹಂಪಿ ಬಜಾರಿನಲ್ಲಿ ಜೀವನವಿಡೀ ಪ್ರವಾಸಿಗರನ್ನು ನೋಡಿದ ಸುಂಕಪ್ಪ ತಾವೇ ಪ್ರವಾಸಿಗರಾದರು!

"ಸಾಂಬಾ ಶಾಲೆ ಅಂದ್ರ ನಮ್ಮ ಸಾಲಿ ಇದ್ದಂಗ ಅನ್ಕೊಂಡಿದ್ದೆ. ಬೆಂಚು, ಮಾಸ್ತರು, ಗಂಟಿ" ಎಂದು ನಗುತ್ತಾರೆ. ಅದು ಶಾಲೆಯಲ್ಲ, ಒಂದು ಕೇರಿಯವರೆಲ್ಲ ಸೇರಿ ಉತ್ಸವಕ್ಕೆ ಕುಣಿತ, ಬಡಿತ ಕಟ್ಟುವ ಸಂಘ. ಮೊದಲ ಸಂಜೆ ಬಸ್ಸಿಳಿದು ನಡೆಯುವಾಗಲೇ ದೂರದಿಂದ ನೂರಾರು ಡ್ರಮ್ಮುಗಳ ಸದ್ದು. ಸುಂಕಪ್ಪ ಗಕ್ಕನೆ ನಿಂತುಬಿಟ್ಟರು. ತಲೆಗೆ ಸುತ್ತಿದ್ದ ಟವಲ್ ಬಿಚ್ಚಿ ಹೆಗಲಿಗೆ ಹಾಕಿಕೊಂಡು, "ಯಾರೋ ಭಾಳ ದೊಡ್ಡ ಮನಿಷ್ಯಾ ಹೋಗ್ಯಾನ ನೋಡ್ರಿ ಈಶ್ವರಣ್ಣ, ಹೂವಿನ ಅಂಗಡಿ ಎಲ್ಲೈತಿ?" ಎಂದರು. ಅಷ್ಟೇ ಅಲ್ಲ, ಕೈಯಲ್ಲಿ ಹೂ ಹಿಡಿದು, ಮುಖ ಸಣ್ಣದು ಮಾಡಿಕೊಂಡು ಒಳಗೆ ಹೋದರು. ಆ ಹೂವನ್ನು ಲೂಸಿಯಾ ತನಗೇ ತಂದದ್ದೆಂದು ತಿಳಿದು ತಬ್ಬಿಕೊಂಡಳು. "ನಾ ಆಯಮ್ಮನ ಹೆಗಲ ಮ್ಯಾಲಿಂದ ಹೆಣ ಎಲ್ಲೈತಿ ಅಂತ ಹುಡುಕಾಕ ಹತ್ತಿದ್ದೆ."

ಹೆಣ ಇರಲಿಲ್ಲ. ಚಡ್ಡಿ ತೊಟ್ಟವರು ಕುಣಿಯುತ್ತಿದ್ದರು, ಅಜ್ಜಿಯರು ಲಂಗ ಹರಡಿಕೊಂಡು ಗಿರಗಿರ ತಿರುಗುತ್ತಿದ್ದರು. ಡ್ರಮ್ ಹಿಡಿದವರಲ್ಲಿ ನಲ್ಲಿ ರಿಪೇರಿಯವನು, ಆಸ್ಪತ್ರೆಯ ನರ್ಸ್, ಬಸ್ ತೊಳೆಯುವವನು, ಉಗುರಿಗೆ ಬಣ್ಣ ಹಚ್ಚಿದ ಹೆಣ್ಣುಮಕ್ಕಳು. ನೋಡಲು ಜನ ಟಿಕೆಟ್ ಕೊಂಡು ಬಂದಿದ್ದರು. ಉತ್ಸವಕ್ಕಲ್ಲ, ಬರೀ ತಾಲೀಮಿಗೆ! "ಸತ್ತಿಲ್ಲ, ಹುಟ್ಟಿಲ್ಲ, ಹಬ್ಬಿಲ್ಲ, ಸುಮ್ನ ಬಾರಿಸ್ತಾರಲ್ರಿ! ನನ್ ಕೈಕಾಲು ತಣ್ಣಗಾದ್ವು. ಬೆಂಕಿ ಎಲ್ಲಿ ಅಂದ್ರ, ಅವ್ರ ಡ್ರಮ್ಮಿಗೆ ಚರ್ಮಾನ ಇಲ್ಲ, ಪ್ಲಾಸ್ಟಿಕ್ಕು." ಅವರನ್ನು ಇನ್ನೂ ಹೆಚ್ಚು ಬೆಚ್ಚಿಬೀಳಿಸಿದ್ದು ಸೀಟಿ ಊದುವ ಮುಖ್ಯಸ್ಥ. ಅವನು ಮುಷ್ಟಿ ಎತ್ತಿದ ಕೂಡಲೇ ಎಲ್ಲ ಡ್ರಮ್ಮುಗಳೂ ಒಮ್ಮೆಲೇ ನಿಂತವು. ಯಾರೋ ಒಬ್ಬರು ತಪ್ಪಿದ್ದಕ್ಕೆ ಅದೇ ಬಡಿತವನ್ನು ಮತ್ತೆ ಮತ್ತೆ ಹೊಡೆಸಿದ. "ತಪ್ಪಿದ್ರ ಮತ್ತ ಹೊಡೀಬೋದು ಅಂತ ನನಗ ಗೊತ್ತಾ ಇರ್ಲಿಲ್ರಿ. ನಾವು ತಪ್ಪಿದ್ರ, ಮತ್ತ ಹೊಡೀರಿ ಅಂತ ಹೆಣ ಕಾಯ್ತೈತೇನು?"

ಇಷ್ಟೆಲ್ಲ ಆಗಿ, ಲೂಸಿಯಾ ಇವರನ್ನು ನಡುವೆ ನಿಲ್ಲಿಸಿ ಬಾರಿಸಲು ಕೇಳಿಕೊಂಡಳು. ಊರಿನಲ್ಲಿ ಅಂಗಳದ ಅಂಚಿನಲ್ಲಿ ನಿಲ್ಲುವವರಿಗೆ ಅಲ್ಲಿ ನಟ್ಟನಡುವೆ ಜಾಗ! ಹಲಗೆಯೂ ಜೊತೆಯಲ್ಲೇ ಇತ್ತು, ವಿಮಾನದಲ್ಲಿ ತೊಡೆಯ ಮೇಲೆ ಇಟ್ಟುಕೊಂಡೇ ಹೋಗಿದ್ದರು. ಆದರೆ ಸುಂಕಪ್ಪ ಬಾರಿಸಲಿಲ್ಲ. ಅಲ್ಲಿದ್ದಷ್ಟು ದಿನ ಒಂದೇ ಒಂದು ಏಟೂ ಹಾಕಲಿಲ್ಲ. ಅಯ್ಯೋ ಪುಣ್ಯಾತ್ಮ, ಭೂಮಿಯ ಆ ಬದಿಗೆ ಹೋಗಿ ಸುಮ್ಮನೆ ಬಂದಿರಾ ಎಂದು ನಾನು ಹಣೆ ಚಚ್ಚಿಕೊಳ್ಳುತ್ತೇನೆ. "ಆಯಮ್ಮನ ತಾಯಿಗೆ ಮನ್ಯಾಗ ಆರಾಮ ಇರ್ಲಿಲ್ರಿ. ನಾ ಬಾರಿಸಿ ಏನಾರ ಆಗಿದ್ರ?" ಎನ್ನುತ್ತಾರೆ.

ವಾಪಸು ಬಂದವರಿಗೆ ಒಂದೇ ಹಂಬಲ. ನಾವೂ ತಾಲೀಮು ಮಾಡಬೇಕು, ಮನೆ ಬಿಡುವ ನಡಿಗೆಯನ್ನು ಈ ನಾಲ್ವರ ಕೈಗೆ ಹತ್ತಿಸಬೇಕು. ಊರೊಳಗೆ ಸಾಧ್ಯವೇ ಇಲ್ಲ. ದೂರದ ಬಾಳೆ ತೋಟವೊಂದನ್ನು ಆರಿಸಿ, ಬೆಳಕು ಹರಿಯುವ ಹೊತ್ತಿಗೆ ಸೇರಿದರು. ಗಾಳಿ ಊರ ಕಡೆ ಬೀಸುತ್ತಿತ್ತು, ಅದನ್ನು ಯಾರೂ ಯೋಚಿಸಿರಲಿಲ್ಲ.

ಆಗ ಹಂಪಕ್ಕ ಕಾಯಿಲೆಯಿಂದ ಹಾಸಿಗೆ ಹಿಡಿದಿದ್ದರು. ಹಲಗೆ ಕೇಳಿದ್ದೇ ತಡ, ಓಣಿಯವರೆಲ್ಲ "ಹೋತು, ಹಂಪಕ್ಕ ಹೋತು" ಎಂದು ತೀರ್ಮಾನಿಸಿಬಿಟ್ಟರು. ಮನೆಗೆ ಹೋಗಿ ನೋಡಬೇಕೆಂದು ಒಬ್ಬರಿಗೂ ಹೊಳೆಯಲಿಲ್ಲ, ನೋಡಿ! ಯಾರೋ ಕಂಪ್ಲಿಯಲ್ಲಿರುವ ಮಗಳು ಅನ್ನಪೂರ್ಣಳಿಗೆ ಫೋನ್ ಹಚ್ಚಿದರು. ಇಬ್ಬರು ಕುಣಿ ತೋಡಲು ಸಲಿಕೆ ಹಿಡಿದು ಹೊರಟೇಬಿಟ್ಟರು. ಬಿಸಿಲೇರುವ ಹೊತ್ತಿಗೆ ಒಂದು ಟೆಂಪೊ ತುಂಬ ನೆಂಟರು, ಹೂವಿನ ಹಾರಗಳು, ಎದೆ ಬಡಿದುಕೊಂಡು ಅಳುತ್ತಾ ಇಳಿದ ಅನ್ನಪೂರ್ಣ. ಬಾಗಿಲು ತೆರೆದರೆ ಹಂಪಕ್ಕ ಗೋಡೆಗೆ ಒರಗಿ ಗಂಜಿ ಕುಡಿಯುತ್ತಿದ್ದಾರೆ! ಮಗಳು ಅಳುವುದನ್ನು ಕಂಡು ತಾವೂ ಬಟ್ಟಲು ಕೆಳಗಿಟ್ಟು, "ಅಯ್ಯಯ್ಯೋ, ಯಾರು ಹೋದ್ರ ನನ್ನವ್ವಾ, ಅಳಿಯ ಆರಾಮ ಅದಾನೇನ?" ಎಂದು ಹೋ ಎಂದು ಅಳತೊಡಗಿದರು.

ಇದನ್ನು ಕೇಳಿ ನನಗೆ ನಗು ತಡೆಯಲಾಗಲಿಲ್ಲ. ಸುಂಕಪ್ಪ ನಗಲಿಲ್ಲ. ಅಂದು ಊರಿನ ಹಿರಿಯರು ಇವರನ್ನು ಕರೆಸಿ, ಎಲ್ಲರೆದುರು ನಿಲ್ಲಿಸಿ ಬೈದರು. "ಫಾರಿನ್ನಿಗೆ ಹೋಗಿ ಬಂದ ಸೊಕ್ಕು" ಎಂದರು. ಇನ್ನು ಸಾವಿಲ್ಲದೆ ಹಲಗೆ ಮುಟ್ಟಿದರೆ ಸಾವಿಗೂ ಕರೆಯುವುದಿಲ್ಲ ಎಂದರು. ಹೆದರಿದ ನಾಲ್ವರೂ "ಬ್ಯಾಡ ಬಿಡು ಸುಂಕಣ್ಣ" ಎಂದು ಕೈ ಬಿಟ್ಟರು. "ಹಲಗೀನ ಗೂಟಕ್ಕ ತೂಗುಹಾಕಿ, ಅದರ ಕಡಿ ಬೆನ್ನು ಮಾಡಿ ಮಲಗಿದ್ದೆ ಮೇಡಂ. ಅಪ್ಪನ್ನ ಎರಡ್ನೇ ಸಲ ಮಣ್ಣು ಮಾಡ್ದಂಗಾತು."

ಮರುವಾರ ಹಂಪಕ್ಕನೇ ಹೇಳಿಕಳಿಸಿದರು. ಇನ್ನೊಂದು ಸುತ್ತು ಬೈಗುಳ ಎಂದುಕೊಂಡು ಸುಂಕಪ್ಪ ಹೋಗಿ ಅಂಗಳದ ಅಂಚಿನಲ್ಲಿ ತಲೆ ತಗ್ಗಿಸಿ ನಿಂತರು. ಆ ಮುದುಕಿ ಹೇಳಿದ್ದನ್ನು ಅವರದೇ ಬಾಯಿಂದ ಕೇಳಿಸಿಕೊಂಡೆ. "ನಾ ಅಂದೆ, ಲೇ ಸುಂಕ್ಯಾ, ನೀ ಎಲ್ಲೋ ತ್ವಾಟದಾಗ ಕದ್ದು ಬಾರ್ಸಿದ್ರ ಮಂದಿ ನಾ ಸತ್ತೆ ಅಂತಾರ. ನನ್ನ ಮನಿ ಮುಂದ ಬಾರ್ಸು. ನಾ ಕಟ್ಟಿ ಮ್ಯಾಲ ಕುಂದ್ರತೀನಿ. ಬಂದೋರು ನನ್ನ ನೋಡ್ಲಿ, ನೋಡಿ ಹೋಗ್ಲಿ." ಹಿರಿಯರು ಮತ್ತೆ ಬಂದು ಗದರಿದ್ದಕ್ಕೆ, "ಅಪಶಕುನ ಆದ್ರ ನನಗ ಆಗ್ತೈತಿ, ನಿಮಗೇನು? ಸತ್ತ ಮ್ಯಾಲ ಬಾರ್ಸಿದ್ರ ನನಗೇನ್ ಕೇಳಸ್ತೈತಾ?" ಎಂದು ಕಳಿಸಿದರಂತೆ. ಅವರು ಬಾಯಿ ಮುಚ್ಚಿಕೊಂಡು ಹೋದರು. ನಾಲ್ವರೂ ಹಿಂತಿರುಗಿದರು.

ಹಾಗಂತ ಎಲ್ಲವೂ ಬದಲಾಗಿದೆ ಎಂದುಕೊಳ್ಳಬೇಡಿ. ಹಂಪಕ್ಕ ಪ್ರತಿ ವಾರ "ಕಟ್ಟಿ ಮ್ಯಾಲ ಬಂದು ಕುಂದ್ರಿ" ಎನ್ನುತ್ತಾರೆ, ಈ ಐವರು ಇನ್ನೂ ಹತ್ತಿಲ್ಲ. ಪಕ್ಕದ ಮನೆಯವರು ಈ ಹೊತ್ತಿನಲ್ಲಿ ಕಿಟಕಿ ಮುಚ್ಚುತ್ತಾರೆ. ನನ್ನನ್ನು ಮಾತ್ರ ಬಂದ ಕೂಡಲೇ ಕಟ್ಟೆಗೆ ಹತ್ತಿಸಿ ಚಾಪೆ ಹಾಕಿದರು. ಆ ಚಾಪೆ ನನಗೆ ಚುಚ್ಚುತ್ತಿದೆ, ಎದ್ದು ಕೆಳಗೆ ಹೋಗಿ ನಿಲ್ಲುತ್ತೇನೆ.

ಈಗ ಮನೆ ಬಿಡುವ ನಡಿಗೆ. ಒಂದು ಏಟು, ಆಮೇಲೆ ಉಸಿರು ಬಿಗಿಹಿಡಿಯುವಷ್ಟು ಮೌನ, ಮತ್ತೊಂದು ಏಟು. ಹುಲಿಗೇಶ್ ಅವಸರ ಮಾಡುತ್ತಾನೆ. ಸುಂಕಪ್ಪ ಮುಷ್ಟಿ ಎತ್ತುತ್ತಾರೆ, ಎಲ್ಲರೂ ನಿಲ್ಲಿಸುತ್ತಾರೆ. "ತಪ್ಪಿತು, ಮತ್ತ ಬಾರ್ಸ್ರಿ" ಎಂದು ಕಟ್ಟೆಯಿಂದ ಹಂಪಕ್ಕನ ಆಜ್ಞೆ. ಈ ಸಲ ಐದು ಹಲಗೆಗಳು ಒಟ್ಟಿಗೆ ಸುಮ್ಮನಾಗುತ್ತವೆ, ಒಟ್ಟಿಗೆ ಮೊಳಗುತ್ತವೆ. ನನ್ನ ತೋಳಿನ ಮೇಲೆ ಮುಳ್ಳು ಏಳುತ್ತದೆ.

ಮುಂದೇನು, ದೊಡ್ಡ ವೇದಿಕೆಯೇ, ಇನ್ನೊಮ್ಮೆ ವಿಮಾನವೇ ಎಂದು ಕೇಳುತ್ತೇನೆ. "ಸ್ಟೇಜು ಬ್ಯಾಡ್ರಿ" ಎಂದು ಸುಂಕಪ್ಪ ತಲೆಯಾಡಿಸುತ್ತಾರೆ. ಕೋಲು ತಿರುಗಿಸುತ್ತಾ ಹೇಳುತ್ತಾರೆ. "ನಮ್ಮಪ್ಪ ಹೋದಾಗ ನಾನಾ ಬಾರ್ಸೀನ್ರಿ. ನಮ್ಮವ್ವ ಹೋದಾಗ್ಲೂ ನಾನಾ. ಈ ನಡಿಗಿ ಮತ್ಯಾರಿಗೂ ಬರ್ತಿದ್ದಿಲ್ಲ. ಎರಡೂ ಕೈಯಾಗ ಕೋಲು, ಅಳಾಕ ಆಗ್ಲೇ ಇಲ್ಲ. ಅತ್ರ ನಡಿಗಿ ತಪ್ತೈತಿ. ಇವ್ರು ಪಕ್ಕಾ ಕಲ್ತ್ರು ಅಂದ್ರ, ಈ ಅವ್ವ ಹೋದ ದಿನ ನಾ ಹಲಗಿ ಹಿಡಿಯಲ್ಲ. ಖಾಲಿ ಕೈಲೆ ಎಲ್ಲಾರ ಜೊತಿ ಹಿಂದ ನಡೀತೀನಿ. ಒಂದ್ ಸಲ ಅಳ್ಬೇಕ್ರಿ, ಅಷ್ಟ."

ಹಂಪಕ್ಕನಿಗೆ ಎಲ್ಲವೂ ಕೇಳಿಸಿದೆ. ಕೌದಿ ಸರಿಪಡಿಸಿಕೊಳ್ಳುತ್ತಾ, "ಅಳಾಕರ ಬರ್ತೈತೇನಲೇ ನಿನಗ? ಅದಕ್ಕೂ ತಾಲೀಮು ಬೇಕಾಗ್ತೈತಿ" ಎನ್ನುತ್ತಾರೆ.

"ಶುರುವಾಗೈತ್ರವ್ವಾ" ಎನ್ನುತ್ತಾರೆ ಸುಂಕಪ್ಪ, ಟವಲಿನಿಂದ ಕಣ್ಣೊರೆಸಿಕೊಂಡು.