ಮಂಗ ಒಡೆದ ಹಂಚು

ಮೂವತ್ತೊಂದು ವರ್ಷ ನಾನು ಪ್ರಾಥಮಿಕ ಶಾಲೆಯಲ್ಲಿ ಗ್ರಹಣದ ಪಾಠ ಮಾಡಿದ್ದೇನೆ. ಟಾರ್ಚು ಸೂರ್ಯ, ತೆಂಗಿನಕಾಯಿ ಭೂಮಿ, ರಬ್ಬರಿನ ಚೆಂಡು ಚಂದ್ರ. ‘ಇದರಾಗ ಹಾವೂ ಇಲ್ಲ, ರಾಕ್ಷಸನೂ ಇಲ್ಲ, ಬರೇ ನೆಳ್ಳು’ ಎಂದು ಮೇಜು ಕುಟ್ಟಿ ಹೇಳುತ್ತಿದ್ದೆ. ನನ್ನ ದನಿ ನಮ್ಮೂರು ಮಿಶ್ರಿಕೋಟಿಯ ಬಸ್ ಸ್ಟ್ಯಾಂಡಿನವರೆಗೂ ಕೇಳುತ್ತದೆ ಎಂದು ಜನ ಆಡಿಕೊಳ್ಳುತ್ತಿದ್ದರು. ಆದರೆ ಒಂದು ಸಂಗತಿಯನ್ನು ಯಾವ ಮಕ್ಕಳಿಗೂ ಹೇಳಿರಲಿಲ್ಲ. ಒಂದೇ ಒಂದು ಗ್ರಹಣವನ್ನೂ ನಾನು ನೋಡಿರಲಿಲ್ಲ. ಪ್ರತಿ ಸಲ ನೀರಿನ ಕೊಡಕ್ಕೆ ಗರಿಕೆ ಹಾಕಿ, ಬಾಗಿಲು ಮುಚ್ಚಿಕೊಂಡು ಒಳಗೇ ಕೂತಿರುತ್ತಿದ್ದೆ. ನಮ್ಮವ್ವ ಹಾಗೇ ಕೂತಿದ್ದಳು, ಅತ್ತೆ ಹಾಗೇ ಕೂತಿದ್ದರು, ನಾನೂ ಕೂತೆ.

ಕೆಲವು ವರ್ಷಗಳ ಹಿಂದೆ, ನಾನು ನಿವೃತ್ತಳಾದ ಮೇಲೆ, ಚಳಿಗಾಲದಲ್ಲಿ, ಬೆಳಗಿನ ಹೊತ್ತು ದೊಡ್ಡ ಸೂರ್ಯಗ್ರಹಣವಿತ್ತು. ಆಗ ನಮ್ಮ ಸೊಸೆಗೆ ಏಳು ತಿಂಗಳು. ಅದಕ್ಕೂ ಮುಂಚೆ ಎರಡು ಸಲ ಬಸಿರಾಗಿ, ಎರಡೂ ಸಲ ಕಳೆದುಕೊಂಡಿದ್ದಳು. ಆಸ್ಪತ್ರೆಯಲ್ಲಿ ಅವಳ ಮಂಚದ ಬಾಜೂ ನೆಲಕ್ಕೆ ಚಾಪೆ ಹಾಸಿ ಮಲಗಿದವಳು ನಾನು. ಎರಡನೆಯ ಸಲ ಬರಿಗೈಯಲ್ಲಿ ಮನೆಗೆ ಬಂದಾಗ ಅವಳು ಅಳಲಿಲ್ಲ. ಅದನ್ನು ನೋಡಿ ನನಗೇ ಹೆದರಿಕೆಯಾಗಿತ್ತು.

ಸೊಸೆ ನನ್ನದೇ ಶಾಲೆಯಲ್ಲಿ ಕಲಿತ ಹುಡುಗಿ. ನಾಲ್ಕನೇ ಕ್ಲಾಸಿನಲ್ಲಿದ್ದಾಗ ಗ್ರಹಣದ ಪಾಠಕ್ಕೆ ಚಂದ್ರನ ಚೆಂಡು ಹಿಡಿದು ನಿಂತವಳು. ಈಗ ಪಕ್ಕದ ಊರಿನ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುತ್ತಾಳೆ. ಮನೆಯಲ್ಲಿ ನನ್ನನ್ನು ಅತ್ತಿ ಅನ್ನುತ್ತಾಳೆ. ಸಿಟ್ಟು ಬಂದರೆ ಮಾತ್ರ ಶಾಲೆಯ ಕಾಲದ ಹಾಗೆ ‘ಅಕ್ಕೋರ’ ಅನ್ನುತ್ತಾಳೆ.

ಗ್ರಹಣದ ಹಿಂದಿನ ದಿನ ಸಂಜೆ ಚೀಲದಿಂದ ಒಂದು ಕರಿ ಕನ್ನಡಕ ತೆಗೆದಳು. ‘ಅತ್ತಿ, ನಾಳೆ ನಮ್ಮ ಶಾಲಿ ಅಂಗಳದಾಗ ಎಲ್ಲಾ ಹುಡುಗ್ರಿಗೂ ಗ್ರಾಣ ತೋರಸ್ತೀವಿ. ನೀವೂ ಬರ್ರಿ’ ಎಂದಳು.

‘ನೀನೂ ಹೋಗಂಗಿಲ್ಲ’ ಎಂದೆ.

‘ಯಾಕ್ರಿ?’

ಉತ್ತರವಿಲ್ಲದಾಗ ನನಗೆ ಸಿಟ್ಟು ಬೇಗ ಬರುತ್ತದೆ. ‘ಬಸರಿ ಹೆಂಗಸು ಗ್ರಾಣದಾಗ ಹೊರಗ ಬಂದ್ರ ಕೂಸಿನ ತುಟಿ ಸೀಳತೈತಿ, ಬೆರಳು ಕೂಡ್ಕೋತಾವ ಅಂತಾರ’ ಎಂದು ಒದರಿಬಿಟ್ಟೆ.

ಪೇಪರ್ ಓದುತ್ತ ಕೂತಿದ್ದ ನಮ್ಮ ಯಜಮಾನರು ತಲೆ ಎತ್ತದೆಯೇ, ‘ಪುರಾಣ ಹೇಳಾಕ, ಬದನಿಕಾಯಿ ತಿನ್ನಾಕ. ಕೊರಳಾಗ ಲಿಂಗ ಕಟಗೊಂಡೀವಿ, ನಮಗ ಎಲ್ಲಿ ಗ್ರಾಣ, ಎಲ್ಲಿ ಸೂತಕ?’ ಎಂದರು.

‘ನೀವು ಸುಮ್ಮ ಕೂಡ್ರಿ. ದವಾಖಾನಿ ನೆಲದ ಮ್ಯಾಲ ಮಲಗಿದಾಕಿ ನಾನು’ ಎಂದೆ. ಅವರು ಪೇಪರನ್ನು ಇನ್ನಷ್ಟು ಮೇಲಕ್ಕೆತ್ತಿಕೊಂಡರು. ಸೊಸೆಯ ಕಡೆ ತಿರುಗಿ, ‘ಪಾಠ ಬ್ಯಾರೆ, ಇದು ಬ್ಯಾರೆ. ಈ ಸಲ ಒಂದು ನನ್ನ ಮಾತು ಕೇಳವ್ವಾ’ ಎಂದೆ.

ಅವಳು ಕನ್ನಡಕವನ್ನು ನನ್ನ ಮುಂದಿಟ್ಟಳು. ‘ಆತ್ರಿ, ಅಕ್ಕೋರ’ ಎಂದಳು. ಕಪಾಳಕ್ಕೆ ಹೊಡೆದಿದ್ದರೂ ಅಷ್ಟು ನೋಯುತ್ತಿರಲಿಲ್ಲ. ಆದರೂ ಕನ್ನಡಕವನ್ನು ಒಯ್ದು ಜೋಳದ ಡಬ್ಬಿಯಲ್ಲಿ ಹುಗಿದಿಟ್ಟೆ. ಅವಳು ಫೋನ್ ಮಾಡಿ, ಮಕ್ಕಳನ್ನು ಬೇರೊಬ್ಬ ಮಾಸ್ತರಿಗೆ ಒಪ್ಪಿಸಿ, ರಜೆ ಹಾಕಿದಳು.

ಮರುದಿನ ಪಡಸಾಲೆಯನ್ನು ನಾನು ಹೇಗೆ ಮುಚ್ಚಿದೆ ಎಂದರೆ ಇರುವೆಗೂ ದಾರಿ ಇರಲಿಲ್ಲ. ಕಿಟಕಿಗಳಿಗೆ ಹೊದೆಯುವ ಕೌದಿ ಕಟ್ಟಿದೆ. ಬಾಗಿಲ ಕೆಳಗಿನ ಸಂದಿಗೆ ಗೋಣಿಚೀಲ ತುರುಕಿದೆ. ಅವಳು ಗೋಡೆಗೆ ಒರಗಿ ಮಂಚದ ಮೇಲೆ ಕಾಲು ಚಾಚಿ ಕೂತಳು. ನಾನು ಎದುರಿಗೆ ಸ್ಟೂಲ್ ಹಾಕಿಕೊಂಡು ಕಾವಲು ಕೂತೆ. ಯಜಮಾನರು ಹೊರಗೆ ಕಟ್ಟೆಯ ಮೇಲೆ ಹಾಯಾಗಿ ಕೂತಿದ್ದರು.

ಒಂದು ತೂತನ್ನು ಮಾತ್ರ ನಾನು ಮರೆತಿದ್ದೆ. ನಮ್ಮದು ಹಂಚಿನ ಮನೆ. ಮಂಗಗಳು ಕುಣಿದು ಮೂಡಣ ಬದಿಯ ಒಂದು ಹಂಚಿನ ಮೂಲೆ ಮುಕ್ಕಾಗಿತ್ತು. ಅಲ್ಲಿಂದ ದಿನಾ ಬೆಳಗ್ಗೆ ಸಣ್ಣ ಪೂರಿಯಷ್ಟು ದುಂಡನೆಯ ಬಿಸಿಲ ಬಿಲ್ಲೆಯೊಂದು ಎದುರು ಗೋಡೆಯ ಮೇಲೆ ಬಿದ್ದು, ಹೊತ್ತು ಏರಿದಂತೆ ಮೆಲ್ಲಗೆ ಕೆಳಗಿಳಿಯುತ್ತಿತ್ತು. ಅದು ಕ್ಯಾಲೆಂಡರಿನ ಹತ್ತಿರ ಬಂದರೆ ನಾನು ಶಾಲೆಗೆ ಹೊರಡುವ ಹೊತ್ತು. ಎಷ್ಟೋ ವರ್ಷ ಅದನ್ನು ಗಡಿಯಾರದಂತೆ ನೋಡಿದ್ದೆನೇ ಹೊರತು, ಮಂಗ ಒಡೆದ ತೂತು ಯಾಕಷ್ಟು ದುಂಡಗೆ ಬೆಳಕು ಬಿಡುತ್ತದೆ ಎಂದು ಒಮ್ಮೆಯೂ ಯೋಚಿಸಿರಲಿಲ್ಲ.

‘ಅಕ್ಕೋರ, ಗ್ವಾಡಿ ನೋಡ್ರಿ’ ಎಂದಳು ಸೊಸೆ, ತಾನು ಒರಗಿದ್ದ ಗೋಡೆಯ ಮೇಲ್ಗಡೆ ಕತ್ತೆತ್ತಿ ನೋಡುತ್ತ. ಈ ಸಲ ದನಿಯಲ್ಲಿ ಸಿಟ್ಟಿರಲಿಲ್ಲ.

ನೋಡಿದೆ. ಬಿಲ್ಲೆಯ ಒಂದು ಅಂಚನ್ನು ಯಾರೋ ಕಚ್ಚಿದಂತಿತ್ತು.

‘ತೂತಿನ ಆಕಾರ ಅಲ್ರಿ ಅದು. ಸೂರ್ಯಂದು. ಉಲ್ಟಾ ಬೀಳತೈತಿ ಅಷ್ಟ. ಖೋಲಿ ಕತ್ತಲಿದ್ದಷ್ಟೂ ಚೊಲೋ ಕಾಣತೈತಿ. ಇಷ್ಟು ಚೊಲೋ ಕತ್ತಲಿ ಮಾಡಾಕ ನನಗ ಶಾಲ್ಯಾಗ ಆಗತಿರಲಿಲ್ಲ’ ಎಂದಳು.

ನನಗೆ ನಗು ಬಂತು, ತಡೆದುಕೊಂಡೆ. ಕಚ್ಚಿದ ಭಾಗ ದೊಡ್ಡದಾಗುತ್ತ ಹೋಯಿತು. ಬಿಲ್ಲೆ ಅರ್ಧವಾಯಿತು, ಆಮೇಲೆ ಕುಡುಗೋಲಿನಂತಾಯಿತು. ಆ ಕಪ್ಪು ಅಂಚು ಚಂದ್ರನದು. ಚೆಂಡಲ್ಲ, ನಿಜವಾದ ಚಂದ್ರ. ಸೂರ್ಯನಿಂದ ಬೆಳಕು ನಮ್ಮಲ್ಲಿಗೆ ಬರಲು ಎಂಟು ನಿಮಿಷ ಬೇಕು ಎಂದು ಸಾವಿರ ಮಕ್ಕಳಿಗೆ ಬಾಯಿಪಾಠ ಮಾಡಿಸಿದವಳು ನಾನು. ಆ ಬೆಳಕು ಅಷ್ಟು ದೂರ ನಡೆದು, ಚಂದ್ರನ ಮಗ್ಗುಲು ಸವರಿಕೊಂಡು, ಈ ಊರಿನ ಈ ಒಂದು ಮುಕ್ಕು ಹಂಚನ್ನು ಹುಡುಕಿ ನಮ್ಮ ಪಡಸಾಲೆಗೆ ಬಂದಿತ್ತು. ನಾನು ಕೌದಿ ಕಟ್ಟಿದ್ದು ಇದನ್ನು ತಡೆಯಲಿಕ್ಕೆ. ನಾವು ಎಷ್ಟು ಸಣ್ಣವರು ಅನ್ನಿಸಿತು, ಅದರಿಂದ ಬೇಸರವೇನೂ ಆಗಲಿಲ್ಲ. ನನ್ನ ತರಗತಿಯಲ್ಲಿ ಕೂತು ನಾನೇ ಪಾಠ ಕೇಳಿದ ಹಾಗಿತ್ತು.

ಆ ಸಮಾಧಾನ ಬಹಳ ಹೊತ್ತು ನಿಲ್ಲಲಿಲ್ಲ. ಬಿಲ್ಲೆ ಗೋಡೆಯಿಂದ ಇಳಿಯುತ್ತಿದೆ, ಕೆಳಗೆ ಸೊಸೆ ಕೂತಿದ್ದಾಳೆ ಎಂಬುದು ನನಗೆ ಹೊಳೆದದ್ದು ಅದು ಅವಳ ಹೆಗಲಿಗೆ ಬಂದಾಗ. ನೋಡನೋಡುತ್ತ ಎದೆಯಿಂದ ಜಾರಿ ಹೊಟ್ಟೆಯ ಮೇಲೆ ಬಂತು. ಹಸಿರು ಸೀರೆಯ ಮೇಲೆ, ಕೂಸಿನ ಮೇಲೆ, ಗ್ರಹಣ ಹಿಡಿದ ಸೂರ್ಯ. ನಾನು ಸ್ಟೂಲಿನಿಂದ ಎದ್ದವಳೇ ಕೈ ಅಡ್ಡ ಹಿಡಿದೆ. ಬಿಲ್ಲೆ ನನ್ನ ಅಂಗೈ ಹಿಂಬದಿಯ ಮೇಲೆ ಬಂದು ಕೂತಿತು. ಅದಕ್ಕೆ ಭಾರವಿಲ್ಲ, ಬಿಸಿಯೂ ಇಲ್ಲ.

‘ಸರಿದು ಕೂಡವ್ವಾ’ ಎಂದೆ.

ಅವಳು ಸರಿಯಲಿಲ್ಲ. ‘ಅಕ್ಕೋರ, ಹುಡುಗ್ರನ್ನೆಲ್ಲಾ ಬಿಟ್ಟು ನಿಮ್ಮ ಮಾತಿಗೆ ಒಳಗ ಕುಂತೀನಿ. ಆದ್ರ ಅದ ಒಳಗ ಬಂದೈತಿ. ಬರೇ ನೆಳ್ಳು ಅಂತ ನೀವ ಹೇಳಿದ್ರಿ. ನನ್ನ ಕೈಯಾಗ ಚೆಂಡು ಕೊಟ್ಟು ಹೇಳಿದ್ರಿ. ಖರೇನೋ ಸುಳ್ಳೋ, ಈಗ ಹೇಳ್ರಿ.’

ನನ್ನ ಕೈ ಎಷ್ಟು ಹೊತ್ತು ಅಲ್ಲಿತ್ತೋ ಗೊತ್ತಿಲ್ಲ. ಎರಡು ಸಲ ಬರಿಗೈಯಲ್ಲಿ ಬಂದದ್ದು ಕಣ್ಣ ಮುಂದೆ ಬಂತು. ಚೆಂಡು ಹಿಡಿದ ಎರಡು ಜಡೆಯ ಹುಡುಗಿಯೂ ಬಂದಳು.

‘ಖರೇ’ ಎಂದೆ. ಕೈ ತೆಗೆದೆ.

ಬಿಲ್ಲೆ ಅವಳ ಹೊಟ್ಟೆಯ ಮೇಲೆ ಕೂತು, ಮೆಲ್ಲಗೆ ಮತ್ತೆ ದುಂಡಗಾಗತೊಡಗಿತು. ನಾನು ಅವಳ ಪಕ್ಕ ಮಂಚದ ಮೇಲೆ ಕೂತು ನೋಡಿದೆ. ಹೊರಗಿನಿಂದ ಯಜಮಾನರು, ‘ಗ್ರಾಣ ಬಿಟ್ಟೈತಿ, ಚಾ ಮಾಡ್ರಿ’ ಎಂದು ಕೂಗಿದ ಮೇಲೆ ಕೌದಿ ಬಿಚ್ಚಿದೆ.

ಎರಡು ತಿಂಗಳ ಮೇಲೆ ಹೆಣ್ಣು ಕೂಸು ಹುಟ್ಟಿತು. ಬಿಳಿ ಬಟ್ಟೆಯಲ್ಲಿ ಸುತ್ತಿ ನರ್ಸು ನನ್ನ ಕೈಗೆ ಕೊಟ್ಟರು. ಇಷ್ಟೆಲ್ಲ ಆದ ಮೇಲೂ ನಾನು ಮಾಡಿದ್ದನ್ನು ಹೇಳಲು ನಾಚಿಕೆಯಾಗುತ್ತದೆ. ಸೊಸೆಗೆ ಬೆನ್ನು ಮಾಡಿ, ಕಿಟಕಿಯ ಹತ್ತಿರ ಹೋಗಿ, ಬಟ್ಟೆ ಸರಿಸಿದೆ. ತುಟಿ ನೋಡಿದೆ, ಕಿವಿ ನೋಡಿದೆ. ಕೈಬೆರಳು, ಕಾಲ್ಬೆರಳು ಒಂದೊಂದಾಗಿ ಬಿಡಿಸಿ ಎಣಿಸಿದೆ. ತಿರುಗಿದರೆ ಅವಳು ನನ್ನನ್ನೇ ನೋಡುತ್ತ ಮಲಗಿದ್ದಳು.

‘ಎಣಿಸಿದ್ರಿ?’

‘ಹೂಂ’ ಎಂದು ತಲೆ ತಗ್ಗಿಸಿದೆ. ಅಕ್ಕೋರ ಅನ್ನಿಸಿಕೊಳ್ಳಲು ಸಿದ್ಧಳಾಗಿ ನಿಂತೆ.

ಅವಳು ಕೈ ಚಾಚಿ ಕೂಸಿನ ಮುಷ್ಟಿ ಹಿಡಿದುಕೊಂಡಳು. ‘ಇಪ್ಪತ್ತೂ ಅದಾವ, ಅತ್ತಿ’ ಎಂದಳು. ‘ಬಟ್ಟಿ ಸುತ್ತೂಕಿಂತ ಮೊದಲ ನಾನೂ ಎಣಿಸೀನಿ.’